ನಾಯಿಗೆ ಮನೆಯ ಬಿಸ್ಕತ್ತು: ಏನು ಹಾಕಬೇಕು, ಏನು ಬಿಡಬೇಕು, ಎಷ್ಟು ಕೊಡಬೇಕು

ನಾಯಿ ಸಾಕಿದವರಿಗೆಲ್ಲ ಇದು ಗೊತ್ತು. ನೀವು ತಿಂಡಿಯ ತಟ್ಟೆ ಹಿಡಿದು ಕುಳಿತರೆ ಸಾಕು, ಅದು ಎದುರಿಗೆ ಬಂದು ಕೂರುತ್ತದೆ. ನಿಮ್ಮ ಕೈಯನ್ನೊಮ್ಮೆ, ಬಾಯನ್ನೊಮ್ಮೆ ನೋಡುತ್ತದೆ. ಕೊಡದೆ ಇರಲು ಮನಸ್ಸು ಬಾರದು. ಒಂದು ಚೂರು ಕೇಕು, ಅರ್ಧ ಬಿಸ್ಕತ್ತು, ಪಾಯಸದ ತಳದಲ್ಲಿ ಉಳಿದ ನಾಲ್ಕು ಒಣದ್ರಾಕ್ಷಿ, ಹೀಗೆ ನಮ್ಮ ಪಾಲಿನಲ್ಲಿ ಅದಕ್ಕೂ ಒಂದು ಪಾಲು ಸಲ್ಲುತ್ತದೆ. ಹೀಗೆ ಕೊಡುವುದರಲ್ಲಿ ಮನೆಯ ಮಕ್ಕಳೇ ಮುಂದು. ಆದ್ದರಿಂದ ಈ ಲೇಖನ ಮುಖ್ಯವಾಗಿ ವಿದ್ಯಾರ್ಥಿಗಳಿಗೆ.

ನಾಯಿಗೆ ತಿಂಡಿ ಕೊಡುವುದು ತಪ್ಪಲ್ಲ. ಅದನ್ನು ಮನೆಯಲ್ಲೇ ಬೇಯಿಸಿ ಕೊಡುವುದಂತೂ ಒಳ್ಳೆಯ ಹವ್ಯಾಸ. ರಾಗಿಹಿಟ್ಟು, ಗೋಧಿಹಿಟ್ಟು, ಒಂದು ಮೊಟ್ಟೆ, ಒಂದು ಹೋಳು ಸಿಹಿಗುಂಬಳ ಇದ್ದರೆ ಸಾಕು. ಕಷ್ಟವಿರುವುದು ಬೇರೆ ಎರಡು ಕಡೆ: ಯಾವುದನ್ನು ಹಾಕಬಾರದು, ಮತ್ತು ಎಷ್ಟಕ್ಕೆ ನಿಲ್ಲಿಸಬೇಕು? ಈ ಎರಡು ಪ್ರಶ್ನೆಗಳಿಗೆ ಉತ್ತರ ಹುಡುಕಬೇಕಾದದ್ದು ನಾಯಿಯ ಶರೀರದಲ್ಲಿ. ಅದು ನಮ್ಮ ಶರೀರದ ಚಿಕ್ಕ ಪ್ರತಿಯಲ್ಲ.

ತೋಳದ ವಂಶ, ಹಿಟ್ಟಿನ ಊಟ

ನಾಯಿಗಾಗಿಯೇ ಬಿಸ್ಕತ್ತು ಮಾಡಿ ಮಾರುವ ಉದ್ಯಮ ಆರಂಭವಾದದ್ದು 1860ರ ಸುಮಾರಿಗೆ, ಲಂಡನ್ನಿನಲ್ಲಿ. ಸಿಡಿಲು ತಡೆಯುವ ಲೋಹದ ಸರಳುಗಳನ್ನು ಮಾರಲು ಅಮೆರಿಕದಿಂದ ಬಂದಿದ್ದ ಜೇಮ್ಸ್ ಸ್ಪ್ರಾಟ್ ಎಂಬಾತ, ಹಡಗುಕಟ್ಟೆಯಲ್ಲಿ ನಾವಿಕರು ಎಸೆದ ಗಟ್ಟಿ ಬಿಸ್ಕತ್ತುಗಳಿಗೆ ನಾಯಿಗಳು ಮುಗಿಬೀಳುವುದನ್ನು ಕಂಡನೆಂದು ಕಥೆ. ಗೋಧಿ, ತರಕಾರಿ, ಬೀಟ್‌ರೂಟ್ ಮತ್ತು ಮಾಂಸ ಸೇರಿಸಿ ಅವನು ನಾಯಿ ಬಿಸ್ಕತ್ತು ಮಾಡಿಸಿದ. ಅವನ ಬಳಿ ಕೆಲಸಕ್ಕಿದ್ದ ಚಾರ್ಲ್ಸ್ ಕ್ರಫ್ಟ್ ಮುಂದೆ 1891ರಲ್ಲಿ ತನ್ನ ಹೆಸರಿನ ನಾಯಿ ಪ್ರದರ್ಶನವನ್ನು ಆರಂಭಿಸಿದ. ಅದು ಇಂದಿಗೂ ನಡೆಯುತ್ತಿದೆ.

ಆದರೆ ನಾಯಿ ತೋಳದ ಸಂತತಿಯಲ್ಲವೇ? ಮಾಂಸಾಹಾರಿಯ ವಂಶಕ್ಕೆ ಹಿಟ್ಟು ಹೇಗೆ ಜೀರ್ಣವಾಗುತ್ತದೆ? ಇದಕ್ಕೆ ಸ್ವೀಡನ್ನಿನ ಉಪ್ಸಾಲಾ ವಿಶ್ವವಿದ್ಯಾಲಯದ ವಿಜ್ಞಾನಿಗಳು 2013ರಲ್ಲಿ ಉತ್ತರ ಕೊಟ್ಟರು. ಪಿಷ್ಟವನ್ನು ಒಡೆಯುವ ಕಿಣ್ವದ ಹೆಸರು ಅಮೈಲೇಸ್. ಅದನ್ನು ತಯಾರಿಸುವ ಎ.ಎಂ.ವೈ.2ಬಿ ಎಂಬ ಜೀನ್ ತೋಳದಲ್ಲಿ ಎರಡು ಪ್ರತಿ ಮಾತ್ರ ಇದೆ. ನಾಯಿಗಳಲ್ಲಿ 4ರಿಂದ 30 ಪ್ರತಿಗಳವರೆಗೆ ಇದೆ. ಬೇಸಾಯ ಮಾಡುವ ಮನುಷ್ಯನ ಜೊತೆ ಬದುಕುತ್ತಾ ಬದುಕುತ್ತಾ ನಾಯಿಯ ಶರೀರ ಅವನ ಧಾನ್ಯಕ್ಕೂ ಹೊಂದಿಕೊಂಡಿತು. ನಮ್ಮ ಹಳ್ಳಿಗಳಲ್ಲಿ ನಾಯಿಗಳು ತಲೆಮಾರುಗಳಿಂದ ಮುದ್ದೆ, ರೊಟ್ಟಿ ತಿಂದು ಬಾಳಿರುವುದು ಈ ಹೊಂದಾಣಿಕೆಯಿಂದಲೇ.

ಒಂದು ವ್ಯತ್ಯಾಸ ಮಾತ್ರ ಉಳಿದಿದೆ. ಪಿಷ್ಟದ ಜೀರ್ಣಕ್ರಿಯೆ ನಮ್ಮಲ್ಲಿ ಬಾಯಿಯ ಜೊಲ್ಲಿನಿಂದಲೇ ಆರಂಭವಾದರೆ, ನಾಯಿಯಲ್ಲಿ ಆ ಕೆಲಸವೆಲ್ಲ ಸಣ್ಣ ಕರುಳಿನಲ್ಲಿ ನಡೆಯಬೇಕು. ಆದ್ದರಿಂದ ಹಸಿ ಹಿಟ್ಟು ಅದಕ್ಕೆ ಸಲ್ಲದು. ನೀರು ಮತ್ತು ಶಾಖ ಸೇರಿದಾಗ ಪಿಷ್ಟದ ಕಣಗಳು ಉಬ್ಬಿ ಬಿರಿಯುತ್ತವೆ. ಆಗ ಕಿಣ್ವ ಒಳನುಗ್ಗುವುದು ಸುಲಭ. ಚೆನ್ನಾಗಿ ಬೇಯಿಸುವುದೆಂದರೆ ಕರುಳಿನ ಕೆಲಸದಲ್ಲಿ ಒಂದು ಪಾಲನ್ನು ಒಲೆಯ ಮೇಲೆಯೇ ಮುಗಿಸಿದಂತೆ.

ಇನ್ನು ರುಚಿ. ನಮ್ಮ ನಾಲಿಗೆಯಲ್ಲಿ ಸುಮಾರು 9,000 ರುಚಿಮೊಗ್ಗುಗಳಿವೆ. ನಾಯಿಗೆ ಇರುವುದು ಸುಮಾರು 1,700. ಆ ಕೊರತೆಯನ್ನು ಅದು ಮೂಗಿನಲ್ಲಿ ತುಂಬಿಕೊಳ್ಳುತ್ತದೆ. ಬಿಸ್ಕತ್ತು ಬೇಯುವಾಗ ಹಿಟ್ಟಿನ ಸಕ್ಕರೆ ಅಂಶವೂ ಪ್ರೋಟೀನಿನ ಅಮೈನೋ ಆಮ್ಲಗಳೂ ಕೂಡಿ ಕಂದು ಬಣ್ಣವನ್ನೂ ಪರಿಮಳವನ್ನೂ ಕೊಡುತ್ತವೆ. ಇದನ್ನು 1912ರಲ್ಲಿ ವಿವರಿಸಿದ ಫ್ರೆಂಚ್ ವಿಜ್ಞಾನಿಯ ಹೆಸರಿನಲ್ಲಿ ಇದಕ್ಕೆ ಮೇಯಾರ್ ಕ್ರಿಯೆ ಎನ್ನುತ್ತಾರೆ. ನಾಯಿಗೆ ಈ ಪರಿಮಳವೇ ಸಾಕು, ಸಕ್ಕರೆ ಬೇಕಿಲ್ಲ. ಹಾಗೆಂದು ಅದಕ್ಕೆ ಸಿಹಿ ತಿಳಿಯುವುದಿಲ್ಲ ಎಂದಲ್ಲ. ಬೆಕ್ಕಿಗೆ ಸಿಹಿ ತಿಳಿಯದು, ನಾಯಿಗೆ ತಿಳಿಯುತ್ತದೆ. ಅಪಾಯವಿರುವುದೂ ಅಲ್ಲಿಯೇ. ನಾಲಿಗೆ ಒಪ್ಪಿದ್ದನ್ನೆಲ್ಲ ಅದರ ಯಕೃತ್ತು, ಮೂತ್ರಪಿಂಡಗಳು ಒಪ್ಪುವುದಿಲ್ಲ.

ಹಾಕಲೇಬಾರದ ಐದು

1. ಚಾಕೊಲೇಟ್ ಮತ್ತು ಕೋಕೋ ಪುಡಿ. ಇವುಗಳಲ್ಲಿ ಥಿಯೋಬ್ರೋಮಿನ್ ಎಂಬ ರಾಸಾಯನಿಕವಿದೆ. ನಮ್ಮ ಶರೀರ ಅದನ್ನು ಬೇಗ ಹೊರಹಾಕುತ್ತದೆ. ನಾಯಿಯಲ್ಲಿ ಅದರ ಅರ್ಧ ಪ್ರಮಾಣ ಇಳಿಯಲು ಸುಮಾರು ಹದಿನೇಳೂವರೆ ಗಂಟೆ ಬೇಕು. ನಾಯಿಯ ತೂಕದ ಪ್ರತಿ ಕಿಲೋಗ್ರಾಂಗೆ 20 ಮಿಲಿಗ್ರಾಂ ತಲುಪಿದರೆ ವಾಂತಿ, ಚಡಪಡಿಕೆ. 40ರಿಂದ 50 ಆದರೆ ಹೃದಯದ ಬಡಿತ ಏರುಪೇರು. 60 ಆದರೆ ಸೆಳವು. ಹಾಲಿನ ಚಾಕೊಲೇಟಿನಲ್ಲಿ ಗ್ರಾಂಗೆ ಸುಮಾರು 2 ಮಿಲಿಗ್ರಾಂ, ಕಪ್ಪು ಚಾಕೊಲೇಟಿನಲ್ಲಿ ಸುಮಾರು 5, ಕೋಕೋ ಪುಡಿಯಲ್ಲಿ 20ರ ಆಸುಪಾಸು ಇರುತ್ತದೆ. ಹತ್ತು ಕಿಲೋ ತೂಕದ ನಾಯಿಗೆ 10 ಗ್ರಾಂ ಕೋಕೋ ಪುಡಿ ಎಷ್ಟು ಅಪಾಯ ಎಂಬುದನ್ನು ನೀವೇ ಲೆಕ್ಕ ಹಾಕಿ ನೋಡಿ.

2. ದ್ರಾಕ್ಷಿ, ಒಣದ್ರಾಕ್ಷಿ ಮತ್ತು ಹುಣಸೆ. ದ್ರಾಕ್ಷಿ ತಿಂದ ಕೆಲವು ನಾಯಿಗಳ ಮೂತ್ರಪಿಂಡ ಎರಡು ಮೂರು ದಿನಗಳಲ್ಲಿ ಕೆಲಸ ನಿಲ್ಲಿಸುವುದು ಏಕೆಂದು ಬಹುಕಾಲ ತಿಳಿದಿರಲಿಲ್ಲ. 2021ರಲ್ಲಿ ಅಮೆರಿಕದ ಪಶುವೈದ್ಯರು ದ್ರಾಕ್ಷಿಯಲ್ಲಿರುವ ಟಾರ್ಟಾರಿಕ್ ಆಮ್ಲದತ್ತ ಬೆರಳು ತೋರಿಸಿದರು. ಹುಣಸೆಹಣ್ಣು ತಿಂದ ನಾಯಿಗಳಲ್ಲೂ ಇದೇ ಬಗೆಯ ಹಾನಿ ಆಗಿದ್ದನ್ನು 2022ರಲ್ಲಿ ವರದಿ ಮಾಡಿದರು. ಹುಣಸೆಯ ಹುಳಿಯೂ ಮುಖ್ಯವಾಗಿ ಇದೇ ಆಮ್ಲ. ಸಾರು, ಪುಳಿಯೋಗರೆ ಇಲ್ಲದ ದಿನ ಅಪರೂಪವಾಗಿರುವ ನಮ್ಮ ಮನೆಗಳಲ್ಲಿ ಇದು ನೆನಪಿರಬೇಕು. ಇಷ್ಟು ದ್ರಾಕ್ಷಿ ತಿಂದರೆ ತೊಂದರೆಯಿಲ್ಲ ಎಂಬ ನಂಬಬಹುದಾದ ಮಿತಿ ಯಾವುದೂ ಇಲ್ಲ.

3. ಕ್ಸೈಲಿಟಾಲ್. ಸಕ್ಕರೆ ರಹಿತ ಚೂಯಿಂಗ್ ಗಮ್, ಕೆಲವು ಮಿಠಾಯಿ ಮತ್ತು ಕೆಲವು ಕಡಲೆಕಾಯಿ ಬೆಣ್ಣೆಗಳಲ್ಲಿ ಬಳಸುವ ಸಿಹಿಕಾರಕ ಇದು. ನಮಗೆ ತೊಂದರೆಯಿಲ್ಲ. ನಾಯಿಯ ಮೇದೋಜೀರಕ ಗ್ರಂಥಿ ಮಾತ್ರ ಇದನ್ನು ಸಕ್ಕರೆಯೆಂದೇ ತಿಳಿದು ಇನ್ಸುಲಿನ್ ಸುರಿಸುತ್ತದೆ. ರಕ್ತದಲ್ಲಿದ್ದ ಸಕ್ಕರೆ ಅರ್ಧ ಗಂಟೆಯೊಳಗೇ ಕುಸಿಯಬಹುದು. ತೂಕದ ಪ್ರತಿ ಕಿಲೋಗ್ರಾಂಗೆ 0.1 ಗ್ರಾಂ ಸಾಕು. ಕಡಲೆಕಾಯಿ ಬೆಣ್ಣೆ ಕೊಳ್ಳುವಾಗ ಸೀಸೆಯ ಮೇಲಿನ ಪಟ್ಟಿಯನ್ನು ಓದದೆ ಬಳಸಬೇಡಿ.

4. ಈರುಳ್ಳಿ, ಬೆಳ್ಳುಳ್ಳಿ. ಇವುಗಳ ಗಂಧಕದ ಸಂಯುಕ್ತಗಳು ನಾಯಿಯ ಕೆಂಪು ರಕ್ತಕಣಗಳನ್ನು ಒಡೆಯುತ್ತವೆ. ಪ್ರತಿ ಕಿಲೋಗ್ರಾಂ ತೂಕಕ್ಕೆ 15ರಿಂದ 30 ಗ್ರಾಂ ಈರುಳ್ಳಿ ಹಾನಿ ಮಾಡಬಲ್ಲದು. ಬೇಯಿಸಿದರೂ ಹುರಿದರೂ ಆ ಗುಣ ಹೋಗುವುದಿಲ್ಲ. ಲಕ್ಷಣ ಕಾಣುವುದು ಕೆಲವು ದಿನಗಳ ನಂತರ; ಆದ್ದರಿಂದ ಕಾರಣ ಹೊಳೆಯುವುದೇ ಇಲ್ಲ.

5. ಯೀಸ್ಟ್ ಹಾಕಿದ ಹಸಿ ಹಿಟ್ಟು. ಹೊಟ್ಟೆಯ ಬಿಸಿಯಲ್ಲಿ ಅದು ಉಬ್ಬುತ್ತಲೇ ಇರುತ್ತದೆ. ಯೀಸ್ಟ್ ಉಂಟುಮಾಡುವ ಮದ್ಯಸಾರ ರಕ್ತಕ್ಕೆ ಸೇರುತ್ತದೆ. ನಾವು ಮಾಡುವ ಬಿಸ್ಕತ್ತು ಉಬ್ಬಬೇಕಾಗಿಲ್ಲ. ಆದ್ದರಿಂದ ಯೀಸ್ಟೂ ಬೇಡ, ಸೋಡವೂ ಬೇಡ.

ಉಪ್ಪು, ಸಕ್ಕರೆ, ಬೆಲ್ಲ, ತುಪ್ಪ ಸ್ವಲ್ಪವಾದರೆ ವಿಷವಲ್ಲ, ಆದರೆ ಅಗತ್ಯವೂ ಇಲ್ಲ. ಜಿಡ್ಡು ಹೆಚ್ಚಾದರೆ ಮೇದೋಜೀರಕ ಗ್ರಂಥಿಯ ಉರಿಯೂತ ಬರಬಹುದು.

ನಿಮ್ಮ ನಾಯಿ ಈ ಐದರಲ್ಲಿ ಯಾವುದನ್ನಾದರೂ ತಿಂದದ್ದು ಗೊತ್ತಾದರೆ ಲಕ್ಷಣ ಕಾಣಲಿ ಎಂದು ಕಾಯಬೇಡಿ. ಏನು, ಎಷ್ಟು, ಯಾವಾಗ ಎಂದು ಚೀಟಿಯಲ್ಲಿ ಬರೆದುಕೊಂಡು, ಹೊದಿಕೆಯ ಕಾಗದ ಸಿಕ್ಕರೆ ಅದನ್ನೂ ಹಿಡಿದು ಪಶುವೈದ್ಯರಲ್ಲಿಗೆ ಹೋಗಿ. ಉಪ್ಪುನೀರು ಕುಡಿಸಿ ವಾಂತಿ ಮಾಡಿಸಲು ಹೋಗಬೇಡಿ. ಆ ಉಪ್ಪೇ ಇನ್ನೊಂದು ವಿಷವಾಗಬಹುದು. ಬೈದಾರೆಂಬ ಭಯದಿಂದ ಮುಚ್ಚಿಡಬೇಡಿ. ಇಲ್ಲಿ ಒಂದೊಂದು ಗಂಟೆಗೂ ಬೆಲೆಯಿದೆ.

ಮಾಡುವ ಕ್ರಮ

ಬೇಕಾಗುವುದು: ರಾಗಿಹಿಟ್ಟು 100 ಗ್ರಾಂ, ಗೋಧಿಹಿಟ್ಟು 100 ಗ್ರಾಂ, ಮೊಟ್ಟೆ ಒಂದು, ಬೇಯಿಸಿ ಹಿಸುಕಿದ ಸಿಹಿಗುಂಬಳ 75 ಗ್ರಾಂ. ಮೊಟ್ಟೆ ತರದ ಮನೆಗಳಲ್ಲಿ ಅದರ ಬದಲು ಬೇಯಿಸಿ ಹಿಸುಕಿದ ಗೆಣಸು ಹಾಕಬಹುದು.

ಎಲ್ಲವನ್ನೂ ಕಲಸಿ, ಬೇಕಾದರೆ ಮಾತ್ರ ಒಂದೆರಡು ಚಮಚ ನೀರು ಚಿಮುಕಿಸಿ, ಚಪಾತಿ ಹಿಟ್ಟಿನ ಹದಕ್ಕೆ ನಾದಿ. ರಾಗಿಯಲ್ಲಿ ಜಿಗುಟು ಕಡಿಮೆ. ಹಿಟ್ಟನ್ನು ಹಿಡಿದಿಡುವ ಕೆಲಸವನ್ನು ಗೋಧಿಯ ಗ್ಲೂಟೆನ್ನೂ ಮೊಟ್ಟೆಯೂ ಮಾಡುತ್ತವೆ. ಅರ್ಧ ಸೆಂಟಿಮೀಟರ್ ದಪ್ಪಕ್ಕೆ ಲಟ್ಟಿಸಿ, ಎರಡು ಬೆರಳಗಲದ ಚೌಕಗಳಾಗಿ ಕತ್ತರಿಸಿ. ಸುಮಾರು 50 ಬಿಸ್ಕತ್ತು ಆಗುತ್ತವೆ.

ಓವನ್ ಇದ್ದರೆ 160 ಡಿಗ್ರಿ ಸೆಲ್ಸಿಯಸ್‌ನಲ್ಲಿ ಅರ್ಧ ಗಂಟೆ ಬೇಯಿಸಿ, ಆಮೇಲೆ ಆರಿಸಿ, ಅದರೊಳಗೇ ಒಂದು ಗಂಟೆ ಬಿಡಿ. ಓವನ್ ಇಲ್ಲದವರು ದಪ್ಪ ತಳದ ಪಾತ್ರೆಯಲ್ಲಿ ಒಣ ಮರಳು ಹರಡಿ ಬಿಸಿ ಮಾಡಿ, ನಡುವೆ ಒಂದು ಸ್ಟ್ಯಾಂಡ್ ಇಟ್ಟು, ಅದರ ಮೇಲೆ ಬಿಸ್ಕತ್ತಿನ ತಟ್ಟೆ ಇರಿಸಿ, ಮುಚ್ಚಿ ಸಣ್ಣ ಉರಿಯಲ್ಲಿ ಬೇಯಿಸಬಹುದು. ಪಾತ್ರೆ ತುಂಬ ಬಿಸಿಯಿರುತ್ತದೆ. ಹತ್ತಿರ ದೊಡ್ಡವರೊಬ್ಬರು ಇರಲಿ. ಮುರಿದಾಗ ಟಕ್ಕೆಂದು ಸದ್ದಾದರೆ ಒಳಗಿನ ನೀರು ಹೋಗಿದೆ ಎಂದರ್ಥ. ಪೂರ್ತಿ ಆರಿದ ಮೇಲಷ್ಟೇ ಡಬ್ಬಿಗೆ ಹಾಕಿ.

ಮಲೆನಾಡಿನ, ಕರಾವಳಿಯ ಮಳೆಗಾಲದಲ್ಲಿ ಬಿಸ್ಕತ್ತು ಬೇಗ ಮೆತ್ತಗಾಗುತ್ತದೆ. ಒಂದು ವಾರಕ್ಕೆ ಸಾಕಾಗುವಷ್ಟೇ ಮಾಡಿಕೊಳ್ಳಿ. ಒಂದರ ಮೇಲೆ ಬೂಷ್ಟು ಕಂಡರೂ ಡಬ್ಬಿಯನ್ನೆಲ್ಲ ಚೆಲ್ಲಿಬಿಡಿ. ಕೆಲವು ಬೂಷ್ಟುಗಳು ಉತ್ಪಾದಿಸುವ ಅಫ್ಲಾಟಾಕ್ಸಿನ್ ನಾಯಿಯ ಯಕೃತ್ತಿಗೆ ಬಹಳ ಕೆಟ್ಟದ್ದು. ಮತ್ತೆ ಬಿಸಿ ಮಾಡಿದರೆ ಅದು ನಾಶವಾಗುವುದಿಲ್ಲ.

ಎಷ್ಟು ಕೊಡಬೇಕು?

ಪರದೆಯ ಮೇಲೆ ಅಂಕಿಗಳು ಬಂದಷ್ಟೇ ಬೇಗ ಮರೆಯಾಗುತ್ತವೆ. ಆದ್ದರಿಂದ ಈ ಭಾಗವನ್ನು ಪೆನ್ಸಿಲ್ ಹಿಡಿದು ಓದಿ.

ನಾಯಿಯ ತೂಕ ಎರಡರಷ್ಟಾದರೆ ಅದಕ್ಕೆ ಬೇಕಾದ ಶಕ್ತಿ ಎರಡರಷ್ಟಾಗುವುದಿಲ್ಲ, ಅದಕ್ಕಿಂತ ಕಡಿಮೆ ಸಾಕು. ಪ್ರಾಣಿಗಳ ಶಕ್ತಿವ್ಯಯ ತೂಕದ ಮುಕ್ಕಾಲು ಘಾತಕ್ಕೆ ಅನುಗುಣವಾಗಿರುತ್ತದೆ ಎಂದು 1932ರಲ್ಲಿ ಮ್ಯಾಕ್ಸ್ ಕ್ಲೈಬರ್ ತೋರಿಸಿದರು. ಇದನ್ನು ಲೆಕ್ಕ ಹಾಕುವುದು ಸುಲಭ. ತೂಕದ ಘನ ಕಂಡುಹಿಡಿದು, ಎರಡು ಸಲ ವರ್ಗಮೂಲ ತೆಗೆಯಿರಿ. 10 ಕಿಲೋ ನಾಯಿಗೆ: 10ರ ಘನ 1000, ವರ್ಗಮೂಲ 31.6, ಮತ್ತೊಮ್ಮೆ ವರ್ಗಮೂಲ 5.62. ಇದನ್ನು 70ರಿಂದ ಗುಣಿಸಿದರೆ ಸುಮಾರು 394 ಕಿಲೋಕ್ಯಾಲರಿ. ಇದು ಸುಮ್ಮನೆ ಮಲಗಿದ್ದರೂ ಬೇಕಾದ ಶಕ್ತಿ. ಮನೆಯಲ್ಲಿ ಓಡಾಡಿಕೊಂಡಿರುವ ವಯಸ್ಕ ನಾಯಿಗೆ ಇದರ ಸುಮಾರು 1.6 ಪಟ್ಟು, ಅಂದರೆ ದಿನಕ್ಕೆ 630 ಕಿಲೋಕ್ಯಾಲರಿ ಬೇಕು.

ತಿಂಡಿಯ ಪಾಲು ದಿನದ ಶಕ್ತಿಯ ಹತ್ತನೆಯ ಒಂದು ಭಾಗ ಮೀರಬಾರದು ಎಂಬುದು ಪಶುವೈದ್ಯರ ನಿಯಮ. ಹಾಗಾದರೆ 63 ಕಿಲೋಕ್ಯಾಲರಿ. ನಮ್ಮ ಹಿಟ್ಟಿನ ಮುದ್ದೆಯಲ್ಲಿ ಒಟ್ಟು ಸುಮಾರು 750 ಕಿಲೋಕ್ಯಾಲರಿ ಇದೆ. 50ರಿಂದ ಭಾಗಿಸಿದರೆ ಒಂದು ಬಿಸ್ಕತ್ತಿಗೆ 15. ಉತ್ತರ: 10 ಕಿಲೋ ನಾಯಿಗೆ ದಿನಕ್ಕೆ ನಾಲ್ಕು. ಇದೇ ಕ್ರಮದಲ್ಲಿ 5 ಕಿಲೋ ನಾಯಿಗೆ ಎರಡು, 20 ಕಿಲೋ ನಾಯಿಗೆ ಏಳು. ಅಷ್ಟು ಕೊಟ್ಟ ದಿನ ಊಟದಲ್ಲಿ ಅಷ್ಟೇ ಕಡಿಮೆ ಮಾಡಬೇಕು. ಮರಿಗಳಿಗೆ, ಕಾಯಿಲೆಯ ನಾಯಿಗಳಿಗೆ ಈ ಲೆಕ್ಕ ಹೊಂದುವುದಿಲ್ಲ, ಪಶುವೈದ್ಯರನ್ನು ಕೇಳಿ. ಇದು ತಿಂಡಿಯೇ ಹೊರತು ಊಟವಲ್ಲ ಎಂಬುದೂ ನೆನಪಿರಲಿ. ನಾಯಿಗೆ ಬೇಕಾದ ಎಲ್ಲ ಪೋಷಕಾಂಶ ಈ ಬಿಸ್ಕತ್ತಿನಲ್ಲಿಲ್ಲ.

ಒಂದು ಬಿಸ್ಕತ್ತು ಹೆಚ್ಚಾದರೆ ಏನಾದೀತು ಎನ್ನುತ್ತೀರಾ? ಅಮೆರಿಕದಲ್ಲಿ 48 ಲ್ಯಾಬ್ರಡಾರ್ ನಾಯಿಗಳನ್ನು ಜೋಡಿ ಜೋಡಿಯಾಗಿ ಆರಿಸಿ ಜೀವಮಾನವಿಡೀ ಗಮನಿಸಿದರು. ಪ್ರತಿ ಜೋಡಿಯಲ್ಲಿ ಒಂದಕ್ಕೆ ಇನ್ನೊಂದಕ್ಕಿಂತ ಕಾಲು ಭಾಗ ಕಡಿಮೆ ಆಹಾರ. 2002ರಲ್ಲಿ ಪ್ರಕಟವಾದ ಫಲಿತಾಂಶ ಹೀಗಿತ್ತು: ಹೆಚ್ಚು ತಿಂದ ಗುಂಪಿನ ಮಧ್ಯಮ ಆಯಸ್ಸು 11.2 ವರ್ಷ, ಮಿತವಾಗಿ ತಿಂದ ಗುಂಪಿನದು 13 ವರ್ಷ. ಮಿತವಾಗಿ ತಿಂದವುಗಳಿಗೆ ಕೀಲುನೋವಿನ ಕಾಟವೂ ತಡವಾಗಿ ಬಂತು. ಹೆಚ್ಚು ಕಡಿಮೆ ಎರಡು ವರ್ಷ! ಹನ್ನೆರಡು ಹದಿಮೂರು ವರ್ಷ ಬಾಳುವ ಸಂಗಾತಿಯ ಬದುಕಿನಲ್ಲಿ ಇದು ಸಣ್ಣ ಪಾಲಲ್ಲ.

ನಿಮ್ಮ ನಾಯಿ ಮಿತಿ ಮೀರಿದೆಯೇ ಎಂದು ತಿಳಿಯಲು ಅದರ ಎದೆಯ ಎರಡೂ ಪಕ್ಕ ಅಂಗೈ ಸವರಿ ನೋಡಿ. ಒತ್ತದೆಯೇ ಪಕ್ಕೆಲುಬು ಎಣಿಸಲು ಬಂದರೆ ಸರಿ. ಒತ್ತಿದರೂ ಸಿಗದಿದ್ದರೆ ತಿಂಡಿ ಕಡಿಮೆಯಾಗಬೇಕು. ನಮ್ಮ ಬಾಗಲಕೋಟೆ ಜಿಲ್ಲೆಯ ಮುಧೋಳ ನಾಯಿಯಂತಹ ಓಟದ ತಳಿಗಳಲ್ಲಿ ಪಕ್ಕೆಲುಬು ಕಣ್ಣಿಗೇ ಕಾಣುವುದು ಸಹಜ. ಬಡಕಲಾಗಿದೆ ಎಂದು ಮರುಗಿ ತುಂಬಿಸಬೇಡಿ.

ಕೊನೆಗೊಂದು ಕೆಲಸ. ಬಿಸ್ಕತ್ತಿನ ಡಬ್ಬಿಯ ಮುಚ್ಚಳಕ್ಕೆ ಒಂದು ಚೀಟಿ ಅಂಟಿಸಿ. ಅದರಲ್ಲಿ ನಾಯಿಯ ತೂಕ, ದಿನಕ್ಕೆ ಎಷ್ಟು ಬಿಸ್ಕತ್ತು, ಪಶುವೈದ್ಯರ ಫೋನ್ ಸಂಖ್ಯೆ ಇರಲಿ. ಬೆಳಿಗ್ಗೆಯೇ ಆ ದಿನದ ಪಾಲನ್ನು ಎಣಿಸಿ ಒಂದು ಬಟ್ಟಲಿಗೆ ಹಾಕಿಡಿ. ಅಜ್ಜಿ ಕೊಡಲಿ, ತಮ್ಮ ಕೊಡಲಿ, ಎಲ್ಲರೂ ಆ ಬಟ್ಟಲಿನಿಂದಲೇ ತೆಗೆದು ಕೊಡಬೇಕು. ಬಟ್ಟಲು ಬರಿದಾದ ಮೇಲೂ ಅದು ಎದುರಿಗೆ ಬಂದು ಕೂತರೆ, ತಲೆ ಸವರಿ ಅಂಗಳಕ್ಕೆ ಆಟಕ್ಕೆ ಕರೆದುಕೊಂಡು ಹೋಗಿ.