ಅಕಿರಾ ಇಫುಕುಬೆ

ಚಲನಚಿತ್ರವನ್ನು ‘ನೋಡುತ್ತೇವೆ’ ಎಂದು ಹೇಳುವುದು ನಮ್ಮ ವಾಡಿಕೆ. ಆದರೆ ತೆರೆಯ ಮೇಲಿನ ಮೃಗವು ಬರಿಯ ವೇಷವೋ, ಎದೆ ನಡುಗಿಸುವ ಭೂತವೋ ಎಂಬುದನ್ನು ಅನೇಕ ವೇಳೆ ತೀರ್ಮಾನಿಸುವುದು ಕಿವಿಯೇ. ಈ ಮರ್ಮವನ್ನು ಬಲ್ಲವರಲ್ಲಿ ಜಪಾನಿನ ಅಕಿರಾ ಇಫುಕುಬೆ ಒಬ್ಬರು.

ಇವರು 1914ರಲ್ಲಿ, ಜಪಾನಿನ ಉತ್ತರ ದ್ವೀಪವಾದ ಹೊಕ್ಕಾಯ್ಡೊದ ಕುಶಿರೊ ಪಟ್ಟಣದಲ್ಲಿ ಜನಿಸಿದರು. ಆ ದ್ವೀಪದ ಮೂಲನಿವಾಸಿಗಳಾದ ಐನು ಜನರ ಹಾಡು ಕುಣಿತಗಳು ಬಾಲ್ಯದಲ್ಲಿಯೇ ಇವರ ಮನಸ್ಸನ್ನು ಸೆರೆಹಿಡಿದುವು. ಚಿಕ್ಕದೊಂದು ಸ್ವರಪಂಕ್ತಿಯನ್ನು ಮರಳಿ ಮರಳಿ ನುಡಿಸಿ ಆವೇಶವನ್ನೇರಿಸುವುದು ಮುಂದೆ ಇವರ ಸಂಗೀತದ ಲಕ್ಷಣವಾಯಿತು. ಇವರು ಓದಿದ್ದು ಅರಣ್ಯಶಾಸ್ತ್ರ. ಸಂಗೀತರಚನೆಯಲ್ಲಿ ತಮಗೆ ತಾವೇ ಗುರು. 1935ರಲ್ಲಿ, ತಮ್ಮ 21ನೆಯ ವಯಸ್ಸಿನಲ್ಲಿ, ‘ಜಪಾನೀ ರಾಪ್ಸೊಡಿ’ ಎಂಬ ವಾದ್ಯವೃಂದದ ಕೃತಿಗೆ ಚೆರೆಪ್ನಿನ್ ಸ್ಪರ್ಧೆಯ ಮೊದಲ ಬಹುಮಾನ ಪಡೆದರು. ಆದರೂ ಜೀವನೋಪಾಯಕ್ಕೆ ಅರಣ್ಯ ಇಲಾಖೆಯ ನೌಕರಿಯೇ ಗತಿಯಾಯಿತು.

ಎರಡನೆಯ ಮಹಾಯುದ್ಧದ ಕಾಲದಲ್ಲಿ ಮರದ ಬಲವನ್ನೂ ಕಂಪನಗುಣವನ್ನೂ ಪರೀಕ್ಷಿಸುವ ಕೆಲಸ ಇವರ ಪಾಲಿಗೆ ಬಂದಿತು. ಅದಕ್ಕೆ ಕ್ಷ-ಕಿರಣಗಳ ಬಳಕೆ ಅಗತ್ಯ. ಕಿರಣಗಳನ್ನು ತಡೆಯಲು ಸೀಸ ಬೇಕು. ಯುದ್ಧದಿಂದಾಗಿ ಸೀಸಕ್ಕೆ ಬರ! ರಕ್ಷಣೆಯಿಲ್ಲದೆ ದುಡಿದ ಇಫುಕುಬೆ ಕಾಯಿಲೆ ಬಿದ್ದರು. ಅರಣ್ಯದ ವೃತ್ತಿಯನ್ನು ಬಿಡಬೇಕಾಯಿತು. ಹೀಗೆ ಅವರು ಸಂಗೀತದ ಅಧ್ಯಾಪಕರಾದರು, ಚಿತ್ರರಂಗಕ್ಕೂ ಬಂದರು.

1947ರ ಅವರ ಮೊದಲ ಚಿತ್ರದಲ್ಲಿಯೇ ವಿವಾದವೊಂದು ಎದ್ದಿತು. ಹಿಮದ ಮೇಲೆ ಜಾರುವ ಉಲ್ಲಾಸದ ದೃಶ್ಯಕ್ಕೆ ನಿರ್ದೇಶಕರು ಉಲ್ಲಾಸದ ಸಂಗೀತವನ್ನೇ ಬಯಸಿದರು. ಇಫುಕುಬೆಯವರಾದರೋ ಒಂಟಿ ವಾದ್ಯದ ವಿಷಾದದ ರಾಗವನ್ನು ರಚಿಸಿದ್ದರು. ಅಲ್ಲಿ ಜಾರುತ್ತಿದ್ದವನು ಪೋಲೀಸರಿಂದ ತಲೆಮರೆಸಿಕೊಂಡ ಕಳ್ಳನಲ್ಲವೇ? ಅವನ ಸುಖ ಎಷ್ಟು ಹೊತ್ತಿನದು? ಕಣ್ಣಿಗೆ ಕಾಣುವುದನ್ನೇ ಕಿವಿಗೂ ಹೇಳಿದರೆ ಸಂಗೀತದ ಪ್ರಯೋಜನವೇನು? ಕಡೆಗೆ ವಿಷಾದದ ರಾಗವೇ ಉಳಿಯಿತು.

1954ರ ಮಾರ್ಚಿಯಲ್ಲಿ ಬಿಕಿನಿ ದ್ವೀಪದ ಬಳಿ ಅಮೆರಿಕ ನಡೆಸಿದ ಜಲಜನಕ ಬಾಂಬಿನ ಪರೀಕ್ಷೆಯಿಂದ ಜಪಾನಿನ 23 ಮಂದಿ ಮೀನುಗಾರರು ವಿಕಿರಣಕ್ಕೆ ಸಿಕ್ಕಿದರು. ಅದೇ ನವೆಂಬರಿನಲ್ಲಿ ‘ಗಾಡ್ಜಿಲ್ಲಾ’ ಚಿತ್ರ ತೆರೆಕಂಡಿತು. ಬಾಂಬಿನ ಪರೀಕ್ಷೆಯಿಂದ ಕೆರಳಿದ ದೈತ್ಯಮೃಗವೊಂದು ಸಮುದ್ರದಿಂದೆದ್ದು ಟೋಕಿಯೊವನ್ನು ಸುಡುವ ಕಥೆ ಅದು. ಕಿರಣದ ಪೆಟ್ಟನ್ನು ಸ್ವತಃ ಉಂಡಿದ್ದ ಇಫುಕುಬೆಯವರಿಗೆ ಇದು ಹುಡುಗಾಟಿಕೆಯ ಕಥೆಯಾಗಿ ತೋರಲಿಲ್ಲವೆಂಬುದಕ್ಕೆ ಆ ಸಂಗೀತದ ಗಾಂಭೀರ್ಯವೇ ಸಾಕ್ಷಿ. ಮೃಗದ ಘರ್ಜನೆ ಹುಟ್ಟಿದ್ದೂ ವಾದ್ಯದಿಂದಲೇ. ಪಿಟೀಲಿನ ಜಾತಿಯ, ಆಳೆತ್ತರದ ಕಾಂಟ್ರಾಬಾಸಿನ ತಂತಿಯನ್ನು ಸಡಿಲಿಸಿ, ರಾಳ ಸವರಿದ ಚರ್ಮದ ಕೈಗವಸಿನಿಂದ ಉಜ್ಜಿದರು. ಆ ಧ್ವನಿಯನ್ನು ಮುದ್ರಿಸಿಕೊಂಡು ವೇಗ ತಗ್ಗಿಸಿ ಕೇಳಿಸಿದರು. ಮರದ ಕಂಪನವನ್ನು ಅಳೆದವರ ಕೈಯಲ್ಲಿ ಮರದ ವಾದ್ಯವೇ ಹೀಗೆ ಗರ್ಜಿಸಿತು! ಆದರೆ ನನ್ನ ಮಟ್ಟಿಗೆ ಘರ್ಜನೆಗಿಂತ ದೊಡ್ಡದು, ಸುಟ್ಟ ನಗರದ ದೃಶ್ಯಗಳ ಮೇಲೆ ಕೇಳಿಬರುವ ಶಾಲಾಬಾಲಿಕೆಯರ ಪ್ರಾರ್ಥನೆ.

1956ರ ‘ಬರ್ಮದ ವೀಣೆ’ ಚಿತ್ರಕ್ಕೂ ಇವರದೇ ಸಂಗೀತ. 1963ರಲ್ಲಿ ಚಲಿಸುವ ರೇಖಾಚಿತ್ರಗಳ ಚಿತ್ರವೊಂದಕ್ಕೆ ಸ್ವರ ಕೊಟ್ಟರು. ಸತ್ತ ತಾಯಿಯನ್ನು ಅರಸಿ ಹೊರಟ ಬಾಲಕ ಸುಸಾನೊ, ಎಂಟು ಹೆಡೆಯ ಸರ್ಪವನ್ನು ಕೊಲ್ಲುವ ಪುರಾಣಕಥೆ ಅದರದು. ಅಳಲು ಉಸಿರಿಲ್ಲದ ರೇಖೆಗಳಿಗಾಗಿ ಇಫುಕುಬೆ ಒಂದು ಜೋಗುಳವನ್ನು ರಚಿಸಿದರು.

1976ರಿಂದ ಹನ್ನೊಂದು ವರ್ಷ ಟೋಕಿಯೊ ಸಂಗೀತ ಕಾಲೇಜಿನ ಅಧ್ಯಕ್ಷರಾಗಿದ್ದ ಅವರು 2006ರಲ್ಲಿ ತೀರಿಕೊಂಡರು. ಹತ್ತು ವರ್ಷಗಳ ತರುವಾಯ, 2016ರಲ್ಲಿ, ಜಪಾನಿನಲ್ಲಿ ಗಾಡ್ಜಿಲ್ಲಾ ಚಿತ್ರ ಮತ್ತೊಮ್ಮೆ ತಯಾರಾದಾಗ ಅದರಲ್ಲಿ ಇಫುಕುಬೆಯವರ ಹಳೆಯ ಧ್ವನಿಮುದ್ರಣಗಳನ್ನೇ ಬಳಸಿಕೊಂಡರು.