ಸುಂಕ ದೆಹಲಿಯಲ್ಲಿ, ಗೂಡು ರಾಮನಗರದಲ್ಲಿ

ಬೆಲೆ ಗಿಟ್ಟಲಿಲ್ಲವೆಂದು ರೇಷ್ಮೆ ಗೂಡನ್ನು ವಾಪಸು ಮನೆಗೆ ಹೊತ್ತುಕೊಂಡು ಹೋಗುವ ಹಾಗಿಲ್ಲ. ರಾಗಿಯಾದರೆ ಕಣಜವಿದೆ, ತೆಂಗಿನಕಾಯಿಯಾದರೆ ಅಟ್ಟವಿದೆ. ಗೂಡಿನೊಳಗೆ ಮಾತ್ರ ಜೀವವಿದೆ. ಹುಳು ಗೂಡು ಕಟ್ಟಿದ ಹತ್ತು ಹನ್ನೆರಡು ದಿನಕ್ಕೆ ಅದು ಚಿಟ್ಟೆಯಾಗಿ ತೂತು ಕೊರೆದು ಹೊರಬರುತ್ತದೆ. ತೂತು ಬಿದ್ದ ಗೂಡಿನಿಂದ ಎಳೆ ಉದ್ದಕ್ಕೆ ಬಿಚ್ಚಿ ಬರುವುದಿಲ್ಲ, ಗೂಡು ಕೊಂಡು ನೂಲು ಬಿಚ್ಚುವ ರೀಲರ್ ಅದನ್ನು ಮುಟ್ಟುವುದೂ ಇಲ್ಲ. ಹಾಗಾಗಿ ರಾಮನಗರದ ಸರ್ಕಾರಿ ಗೂಡು ಮಾರುಕಟ್ಟೆಗೆ ಬಂದ ರೈತ ಅಂದಿನ ದರಕ್ಕೆ ಮಾರಲೇಬೇಕು. ತಿಂಗಳಿಡೀ ಸೊಪ್ಪು ಕತ್ತರಿಸಿ, ಹುಳು ಪೊರೆ ಬಿಡುವ ನಾಲ್ಕು ಜ್ವರ ದಾಟಿಸಿ, ಗೂಡು ಕಟ್ಟಲು ಚಂದ್ರಿಕೆಗೆ ಹುಳು ಬಿಟ್ಟು, ಗೂಡು ಬಿಡಿಸಿ ತಂದವನ ಭವಿಷ್ಯ ಒಂದು ಬೆಳಗ್ಗೆಯಲ್ಲಿ ತೀರ್ಮಾನವಾಗುತ್ತದೆ.

ಆ ತೀರ್ಮಾನ ಮಾರುಕಟ್ಟೆಯ ಒಳಗೇ ಆಗುತ್ತದೆಂದು ನೋಡಿದವರಿಗೆ ಅನ್ನಿಸುತ್ತದೆ. ಸಾಲಾಗಿ ಹರಡಿದ ಗೂಡು, ಲಾಟ್ ನಂಬರ್, ಮುಷ್ಟಿಯಲ್ಲಿ ನಾಲ್ಕು ಗೂಡು ಹಿಡಿದು ಕಿವಿಯ ಹತ್ತಿರ ಅಲ್ಲಾಡಿಸಿ ನೋಡುವ ರೀಲರ್, ಮೊಬೈಲಿನಲ್ಲಿ ಹರಾಜು ಕೂಗು. ಏಷ್ಯಾದಲ್ಲೇ ದೊಡ್ಡದೆಂದು ಹೆಸರಾದ ಈ ಮಾರುಕಟ್ಟೆಗೆ ಆಂಧ್ರ, ತಮಿಳುನಾಡಿನಿಂದಲೂ ಗೂಡು ಬರುತ್ತದೆ. ಆದರೆ ಇಲ್ಲಿಯ ದರಕ್ಕೆ ದಾರ ಕಟ್ಟಿರುವುದು ಎರಡು ದೂರದ ಊರುಗಳಲ್ಲಿ. ಒಂದು ತುದಿ ಚೀನಾದ ರೇಷ್ಮೆ ಗಿರಣಿಯಲ್ಲಿ, ಇನ್ನೊಂದು ತುದಿ ದೆಹಲಿಯ ಬಜೆಟ್ ಭಾಷಣದಲ್ಲಿ.

ದಾರ ಹೇಗೆ ಎಳೆಯುತ್ತದೆ ಎನ್ನುವುದನ್ನು ಒಂದು ಬಾಯಿಲೆಕ್ಕದಲ್ಲಿ ನೋಡಬಹುದು. ಚೀನಾದ ಕಚ್ಚಾ ರೇಷ್ಮೆ ಕೆಜಿಗೆ 2,000 ರೂಪಾಯಿಗೆ ಬಂದರಿಗೆ ಬಂತು ಎಂದುಕೊಳ್ಳಿ. ಶೇ 30ರಷ್ಟು ಆಮದು ಸುಂಕವಿದ್ದರೆ ಅದು 2,600 ಆಗುತ್ತದೆ, ಶೇ 5 ಇದ್ದರೆ 2,100. ಅಂದರೆ ಇಲ್ಲಿಯ ರೀಲರ್ ತನ್ನ ನೂಲನ್ನು 500 ರೂಪಾಯಿ ಕಡಿಮೆಗೆ ಮಾರಬೇಕು. ಅವನೇನು ಅದನ್ನು ತನ್ನ ಜೇಬಿನಿಂದ ಹಾಕುವುದಿಲ್ಲ. ಒಂದು ಕೆಜಿ ನೂಲಿಗೆ ಏಳೆಂಟು ಕೆಜಿ ಗೂಡು ಬೇಕು. ಕೊಳ್ಳುವಾಗಲೇ ಕೆಜಿ ಗೂಡಿಗೆ ಅರವತ್ತು ಎಪ್ಪತ್ತು ರೂಪಾಯಿ ಇಳಿಸಿ ಕೂಗುತ್ತಾನೆ. ನೂರು ಕೆಜಿ ಗೂಡು ತಂದ ರೈತನಿಗೆ ಒಂದೇ ಬೆಳೆಯಲ್ಲಿ ಆರೇಳು ಸಾವಿರ ಹೋಯಿತು.

ಲೆಕ್ಕ ಉದಾಹರಣೆಯದ್ದು, ಸುಂಕದ ಅಂಕಿ ನಿಜದ್ದು. 2011ರ ಕೇಂದ್ರ ಬಜೆಟ್ ಕಚ್ಚಾ ರೇಷ್ಮೆಯ ಆಮದು ಸುಂಕವನ್ನು ಶೇ 30ರಿಂದ ಶೇ 5ಕ್ಕೆ ಇಳಿಸಿತು. ಕೆಲವೇ ತಿಂಗಳಲ್ಲಿ ರಾಮನಗರದಲ್ಲಿ ಗೂಡಿನ ದರ ಅರ್ಧದ ಹತ್ತಿರಕ್ಕೆ ಬಿತ್ತು. ರೈತರು ಬೀದಿಗಿಳಿದರು. ಕೆಲವರು ಹಿಪ್ಪುನೇರಳೆ ತೋಟವನ್ನೇ ಕಿತ್ತುಹಾಕಿದರು. ಮಂಡ್ಯ, ರಾಮನಗರದ ಕಡೆಯಿಂದ ಆತ್ಮಹತ್ಯೆಯ ಸುದ್ದಿಗಳೂ ಬಂದವು. 2013ರಲ್ಲಿ ಸುಂಕ ಶೇ 15ಕ್ಕೆ ಏರಿತು, ಮುಂದೆ 10ಕ್ಕೆ ಇಳಿಯಿತು, 2021ರಲ್ಲಿ ಮತ್ತೆ 15 ಆಯಿತು. ಸೊಪ್ಪಿನ ತೋಟ ಒಮ್ಮೆ ನೆಟ್ಟರೆ ಹತ್ತು ಹದಿನೈದು ವರ್ಷ ನಿಲ್ಲುವ ಬೆಳೆ. ಸುಂಕ ಎರಡು ಮೂರು ವರ್ಷಕ್ಕೊಮ್ಮೆ ಮಗ್ಗಲು ಬದಲಿಸುತ್ತದೆ.

ದೆಹಲಿಯನ್ನು ಬೈದು ಮುಗಿಸುವುದು ಸುಲಭ. ಆದರೆ ಸುಂಕ ಇಳಿಸಿ ಎಂದು ಕೇಳಿದವರೇನೂ ಕೋಟ್ಯಧಿಪತಿಗಳಷ್ಟೇ ಆಗಿರಲಿಲ್ಲ. ನೂಲಿನ ಬೆಲೆ ಏರಿ ವಾರಾಣಸಿ, ಕಾಂಚೀಪುರದ ಮಗ್ಗಗಳು ನಿಲ್ಲುವ ಸ್ಥಿತಿಯಲ್ಲಿದ್ದವು. ಕನಕಪುರದ ಬೆಳೆಗಾರನ ಒಳ್ಳೆಯ ದಿನ ವಾರಾಣಸಿಯ ನೇಕಾರನ ಕೆಟ್ಟ ದಿನ. ಇಬ್ಬರೂ ಬಡವರು, ಇಬ್ಬರೂ ಮತದಾರರು.

ಇಂಥ ಜಗಳಕ್ಕೆ ಜಗತ್ತು ಕಂಡುಕೊಂಡ ಒಂದು ಉತ್ತರವಿದೆ: ಬಾಗಿಲು ತೆರೆಯಿರಿ, ಆದರೆ ಪೆಟ್ಟು ತಿಂದವನಿಗೆ ಪರಿಹಾರ ಕೊಡಿ. 1978ರಲ್ಲಿ ಡೇವಿಡ್ ಕ್ಯಾಮರೂನ್ ಎಂಬ ರಾಜಕೀಯ ಶಾಸ್ತ್ರಜ್ಞ (ಬ್ರಿಟನ್ನಿನ ಪ್ರಧಾನಿಯಾಗಿದ್ದವರಲ್ಲ, ಹೆಸರಷ್ಟೇ ಒಂದು) 18 ಶ್ರೀಮಂತ ದೇಶಗಳನ್ನು ಹೋಲಿಸಿ ಒಂದು ವಿಚಿತ್ರ ಗಮನಿಸಿದರು. ವಿದೇಶಿ ವ್ಯಾಪಾರಕ್ಕೆ ಹೆಚ್ಚು ತೆರೆದುಕೊಂಡ ದೇಶಗಳಲ್ಲೇ ಸರ್ಕಾರದ ಖರ್ಚು, ಸಾಮಾಜಿಕ ಭದ್ರತೆ ಹೆಚ್ಚು ಬೆಳೆದಿದ್ದವು. ಇಪ್ಪತ್ತು ವರ್ಷದ ಮೇಲೆ ಅರ್ಥಶಾಸ್ತ್ರಜ್ಞ ಡಾನಿ ರಾಡ್ರಿಕ್ ನೂರಕ್ಕೂ ಹೆಚ್ಚು ದೇಶಗಳಲ್ಲಿ ಇದನ್ನೇ ಕಂಡರು. ಸ್ವೀಡನ್, ಡೆನ್ಮಾರ್ಕ್‌ನಂಥ ಚಿಕ್ಕ ದೇಶಗಳು ಹೊರಗಿನ ಗಾಳಿಗೆ ಎದೆಯೊಡ್ಡಿ ನಿಂತದ್ದು ಮೈಮೇಲೆ ಕಂಬಳಿ ಹೊದ್ದುಕೊಂಡೇ. ಅಮೆರಿಕವೂ ಕೆನಡಿ ಕಾಲದಲ್ಲಿ, 1962ರಲ್ಲಿ, ಆಮದಿನಿಂದ ಕೆಲಸ ಕಳೆದುಕೊಂಡವರಿಗೆ ಭತ್ಯೆ, ತರಬೇತಿ ಕೊಡುವ ಯೋಜನೆ ತಂದಿತು. 2022ರ ಜುಲೈನಲ್ಲಿ ಅದರ ಅವಧಿ ಮುಗಿದು ನಿಂತುಹೋಯಿತು. ಯುರೋಪಿಯನ್ ಒಕ್ಕೂಟ 2007ರಿಂದ ಇದಕ್ಕೆಂದೇ ಒಂದು ನಿಧಿ ನಡೆಸುತ್ತಿದೆ.

ಭಾರತದಲ್ಲಿ ಆ ಹೆಸರಿನ ನಿಧಿ ಇಲ್ಲ. ಹಾಗೆಂದು ಕಂಬಳಿಯೇ ಇಲ್ಲವೆಂದಲ್ಲ. ಅದನ್ನು ತೇಪೆ ಹಾಕಿ ಹೊಲಿದಿದೆ. ಗೂಡಿನ ಮಾರಾಟವನ್ನು ಸರ್ಕಾರಿ ಮಾರುಕಟ್ಟೆಯ ತಕ್ಕಡಿಗೆ ಕಟ್ಟಿದ 1959ರ ಕಾಯ್ದೆ ಒಂದು ತೇಪೆ. ನೂಲಿನ ದರ ಬಿದ್ದಾಗ ರೀಲರುಗಳಿಂದ ಕೊಳ್ಳಲೆಂದು ಹುಟ್ಟಿದ ಕರ್ನಾಟಕ ರೇಷ್ಮೆ ಮಾರಾಟ ಮಂಡಳಿ ಇನ್ನೊಂದು. ಚೀನಾ ತೀರ ಅಗ್ಗಕ್ಕೆ ಸುರಿಯುತ್ತಿದೆಯೆಂದು ಸಾಬೀತಾದಾಗ ಹಾಕುವ ಆ್ಯಂಟಿ ಡಂಪಿಂಗ್ ಸುಂಕ 2003ರಲ್ಲಿ ಬಂದ ತೇಪೆ. ಹುಳುಮನೆಗೆ, ಹನಿ ನೀರಾವರಿಗೆ ಸಬ್ಸಿಡಿ, ದರ ಕುಸಿದಾಗ ಕೆಜಿಗಿಷ್ಟೆಂದು ಪ್ರೋತ್ಸಾಹಧನ. ಇದರಲ್ಲೊಂದು ತೊಡಕಿದೆ. ಆಮದು ಸುಂಕ ಸಂವಿಧಾನದ ಪ್ರಕಾರ ಕೇಂದ್ರದ ಕೈಯಲ್ಲಿದೆ, ಕೃಷಿ ರಾಜ್ಯದ ಕೈಯಲ್ಲಿ. ನಲ್ಲಿ ತಿರುಗಿಸುವುದು ದೆಹಲಿ, ಬಕೆಟ್ ಹಿಡಿಯುವುದು ಬೆಂಗಳೂರು. ಅದೂ ಕೈಕಟ್ಟಿಕೊಂಡು: ವಿತ್ತೀಯ ಕೊರತೆಗೆ ಮಿತಿ ಹಾಕುವ ಹೊಣೆಗಾರಿಕೆ ಕಾಯ್ದೆಯನ್ನು 2002ರಲ್ಲಿ ದೇಶದಲ್ಲೇ ಮೊದಲು ಮಾಡಿಕೊಂಡ ರಾಜ್ಯ ಕರ್ನಾಟಕ.

ತೇಪೆ ಕಂಬಳಿಯಾದರೂ ಯಾರನ್ನು ಮುಚ್ಚುತ್ತದೆ? ಪ್ರೋತ್ಸಾಹಧನ ಬರುವುದು ಪಹಣಿ, ಪಾಸ್‌ಬುಕ್, ಲಾಟ್ ನಂಬರ್ ಇದ್ದವನಿಗೆ. ಮಂಡಳಿ ನೂಲು ಕೊಳ್ಳುವುದು ಲೈಸೆನ್ಸ್ ಇದ್ದ ರೀಲರಿನಿಂದ. ಇವರಿಬ್ಬರ ನಡುವೆ ಕುದಿನೀರಿನ ಬೇಸಿನ್ ಮುಂದೆ ನಿಂತು ಬೆಂದ ಗೂಡಿನಿಂದ ಎಳೆ ಹುಡುಕುವ ಕೈಗಳಿಗೆ ಯಾವ ನಂಬರೂ ಇಲ್ಲ. ಬೆರಳ ತುದಿಗಳು ಬಿಳಿಚಿ ಸುಲಿದಿರುತ್ತವೆ. ಕೋಣೆಯ ತುಂಬ ಹಬೆ, ಬೆಂದ ಕೋಶದ ವಾಸನೆ. ಅವರ ಕೂಲಿ ಅಂದಂದಿನ ಲೆಕ್ಕ, ಮೇಲೆ ಮಾಲೀಕನ ಹತ್ತಿರ ತೆಗೆದುಕೊಂಡ ಮುಂಗಡದ ಸಾಲ. ದರ ಬಿದ್ದು ರೀಲರ್ ಬೇಸಿನ್ ಆರಿಸಿದ ದಿನ ಅವರ ಹೆಸರು ಯಾವ ಇಲಾಖೆಯ ಪಟ್ಟಿಗೂ ಬರುವುದಿಲ್ಲ.

ಇದೇ ಕೋಣೆಗಳಲ್ಲಿ ಒಂದು ಕಾಲಕ್ಕೆ ಮಕ್ಕಳಿದ್ದರು. ಹ್ಯೂಮನ್ ರೈಟ್ಸ್ ವಾಚ್ ಸಂಸ್ಥೆ ಭಾರತದ ರೇಷ್ಮೆ ಉದ್ಯಮದ ಜೀತ ಮಕ್ಕಳ ಬಗ್ಗೆ 2003ರಲ್ಲಿ ಹೊರತಂದ ವರದಿಯಲ್ಲಿ ರಾಮನಗರ, ಮಾಗಡಿಯ ಹೆಸರುಗಳಿವೆ. ಮಾಗಡಿಯಲ್ಲಿ ನೂಲಿಗೆ ಹುರಿ ಹಾಕುವ ಯಂತ್ರಗಳ ಮುಂದೆ, ರಾಮನಗರದಲ್ಲಿ ಬೇಸಿನ್ ಮುಂದೆ. ನ್ಯೂಯಾರ್ಕಿನಲ್ಲಿ ಕಚೇರಿಯಿರುವ ಸಂಸ್ಥೆ ಮಾಗಡಿಯ ಓಣಿಗೆ ಬಂದದ್ದೂ ಜಾಗತೀಕರಣವೇ. ಸರಕಿನ ಜೊತೆ ನಾಚಿಕೆಯೂ ಗಡಿ ದಾಟುತ್ತದೆ. ಹೊರಗಿನ ಕಣ್ಣು ಬಿದ್ದ ಮೇಲೆ ದಾಳಿ, ಸೇತುಬಂಧ ಶಾಲೆಗಳು, ಇಲ್ಲಿಯವರದೇ ಚಳವಳಿಗಳು ಚುರುಕಾದವು. ಬೇಸಿನ್ ಮುಂದಿನ ಮಕ್ಕಳ ಸಂಖ್ಯೆ ಇಳಿಯಿತು. ಅವರ ತಾಯಂದಿರ ಕೂಲಿಯ ವಿಷಯಕ್ಕೆ ಅಷ್ಟೇ ಜೋರಾದ ವರದಿ ಬರಲಿಲ್ಲ.

ರಾಮನಗರದಿಂದ ಮೈಸೂರು ಹೆದ್ದಾರಿಯಲ್ಲಿ ಇನ್ನೊಂದಿಷ್ಟು ಮುಂದೆ ಹೋದರೆ ಮರದ ಬೊಂಬೆಗಳ ಊರು ಚನ್ನಪಟ್ಟಣ. ತಿರುಗುವ ಹಾಲೆ ಮರದ ತುಂಡಿಗೆ ಅರಗಿನ ಕಡ್ಡಿ ಒತ್ತಿದರೆ ಉಜ್ಜುವ ಬಿಸಿಗೇ ಬಣ್ಣ ಕರಗಿ ಹತ್ತಿಕೊಳ್ಳುತ್ತದೆ, ತಾಳೆಗರಿ ತಾಗಿಸಿದರೆ ಹೊಳಪು ಬರುತ್ತದೆ. ಜಾತ್ರೆಯ ಅಂಗಡಿಯಲ್ಲಿ ಈ ಬೊಂಬೆಯ ಜಾಗವನ್ನು ಚೀನಾದ ಪ್ಲಾಸ್ಟಿಕ್ ಹಿಡಿದು ವರ್ಷಗಳೇ ಆದವು. ರೇಷ್ಮೆಯಲ್ಲಿ ತಡವರಿಸಿದ ದೆಹಲಿ ಇಲ್ಲಿ ಖಡಾಖಂಡಿತವಾಗಿ ನಡೆದುಕೊಂಡಿತು: ಆಟಿಕೆಗಳ ಆಮದು ಸುಂಕ 2020ರಲ್ಲಿ ಶೇ 20ರಿಂದ 60ಕ್ಕೆ, 2023ರಲ್ಲಿ 70ಕ್ಕೆ ಏರಿತು. 2021ರ ಜನವರಿಯಿಂದ ಆಟಿಕೆಗಳಿಗೆ ಐಎಸ್‌ಐ ಗುರುತು ಕಡ್ಡಾಯವಾಯಿತು. ಅಗ್ಗದ ಚೀನೀ ಮಾಲನ್ನು ತಡೆಯಲು ಹಾಕಿದ ಬೇಲಿ ಮೊದಲು ತಾಗಬಹುದಾಗಿದ್ದು ಮನೆಯಲ್ಲೇ ಕಡೆಯುವ ಕುಶಲಕರ್ಮಿಗೆ. ಪರೀಕ್ಷೆಗೆ ಲ್ಯಾಬು ಎಲ್ಲಿಂದ ತರುವುದು? ಕೊನೆಗೆ ಕರಕುಶಲ ಅಭಿವೃದ್ಧಿ ಆಯುಕ್ತರ ಬಳಿ ನೋಂದಾಯಿಸಿದ ಕುಶಲಕರ್ಮಿಗಳ ಬೊಂಬೆಗೆ, ಜಿಐ ಟ್ಯಾಗ್ ಇರುವ ಬೊಂಬೆಗೆ ವಿನಾಯಿತಿ ಸಿಕ್ಕಿತು. ಮತ್ತೆ ಅದೇ ಮಾತು. ನೋಂದಾಯಿಸಿದವರಿಗೆ. ಕೂಲಿಗೆ ಬಣ್ಣ ಹಾಕುವ, ಪಾಲಿಷ್ ಮಾಡುವ, ಪ್ಯಾಕ್ ಮಾಡುವ ಹೆಂಗಸರಲ್ಲಿ ಎಷ್ಟು ಜನರ ಬಳಿ ಆ ಗುರುತಿನ ಚೀಟಿ ಇದ್ದೀತು?

ಚೀಟಿ ಇದ್ದರೂ ನೆಮ್ಮದಿ ಖಾತ್ರಿಯಲ್ಲ ಎನ್ನುವುದನ್ನು ಗಾರ್ಮೆಂಟ್ಸ್ ಹೇಳುತ್ತದೆ. ಬೆಂಗಳೂರಿನ ಸುತ್ತ ಹಬ್ಬಿ ಈ ಜಿಲ್ಲೆಯ ಊರುಗಳಿಗೂ ಬಂದ ಈ ಕಾರ್ಖಾನೆಗಳಲ್ಲಿ ಹೊಲಿಯುವ ಅಂಗಿ ಹೋಗುವುದು ಅಮೆರಿಕ, ಯುರೋಪಿಗೆ. ಇಲ್ಲಿ ಪಿಎಫ್ ಇದೆ, ಇಎಸ್‌ಐ ಇದೆ. 2016ರ ಏಪ್ರಿಲ್‌ನಲ್ಲಿ ಮಾಲೀಕರ ಪಾಲಿನ ಪಿಎಫ್ ಹಣ 58 ವರ್ಷದವರೆಗೆ ತೆಗೆಯುವಂತಿಲ್ಲ ಎಂಬ ಕೇಂದ್ರದ ನಿಯಮದ ಸುದ್ದಿ ಹಬ್ಬಿತು. ಮೂವತ್ತೈದಕ್ಕೇ ಬೆನ್ನು ಸೋತು ಕೆಲಸ ಬಿಡುವ ಹೆಂಗಸಿಗೆ 58 ಎಂದರೆ ಇನ್ನೊಂದು ಜನ್ಮ. ಸಾವಿರಾರು ಹೆಂಗಸರು ಬೆಂಗಳೂರಿನ ರಸ್ತೆಗಳಿಗೆ ಬಂದರು. ಎರಡೇ ದಿನಕ್ಕೆ ದೆಹಲಿ ನಿಯಮ ಹಿಂತೆಗೆದುಕೊಂಡಿತು.

2020ರಲ್ಲಿ ನಡೆದದ್ದು ಇನ್ನೂ ವಿಚಿತ್ರ. ಕೋವಿಡ್ ಹೆಸರಿನಲ್ಲಿ ರಾಜ್ಯ ಸರ್ಕಾರ ಕನಿಷ್ಠ ಕೂಲಿಯ ತುಟ್ಟಿಭತ್ಯೆ ಏರಿಕೆಯನ್ನು, ತಿಂಗಳಿಗೆ 417 ರೂಪಾಯಿಯನ್ನು, ಮುಂದಕ್ಕೆ ಹಾಕಿತು. ಹೈಕೋರ್ಟ್ ಕೊಡಬೇಕೆಂದ ಮೇಲೂ ಬಹಳಷ್ಟು ಕಾರ್ಖಾನೆಗಳು ಕೊಡಲಿಲ್ಲ. ಕಾರ್ಮಿಕ ಸಂಘಗಳ ಜೊತೆ ವಾಷಿಂಗ್ಟನ್ನಿನ ಒಂದು ಕಾರ್ಮಿಕ ಹಕ್ಕು ಸಂಸ್ಥೆ ದನಿಗೂಡಿಸಿ, ಅಂಗಿ ಕೊಳ್ಳುವ ವಿದೇಶಿ ಬ್ರ್ಯಾಂಡ್‌ಗಳ ಮೇಲೆ ಒತ್ತಡ ತಂದ ಮೇಲೆ, 2022ರ ಆರಂಭದಲ್ಲಿ ದೊಡ್ಡ ಕಂಪನಿಗಳು ಬಾಕಿ ಕೊಡಲು ಒಪ್ಪಿದವು. ನಾಲ್ಕು ಲಕ್ಷಕ್ಕೂ ಹೆಚ್ಚು ಕಾರ್ಮಿಕರ ಪ್ರಶ್ನೆ ಅದು. ಆರ್ಡರ್ ಬಾಂಗ್ಲಾದೇಶಕ್ಕೆ ಹೋದೀತೆಂಬ ಭಯದಲ್ಲಿ ಸಡಿಲಿಸಿದ ಕಾನೂನನ್ನು ಆರ್ಡರ್ ಕೊಟ್ಟವರ ಮರ್ಯಾದೆಯ ಭಯ ಬಿಗಿ ಮಾಡಿತು. 2023ರಲ್ಲಿ ಕಾರ್ಖಾನೆ ಕಾಯ್ದೆಗೆ ತಿದ್ದುಪಡಿ ತಂದು ದಿನಕ್ಕೆ 12 ಗಂಟೆ ದುಡಿಸಲು ಇದೇ ರಾಜ್ಯ ದಾರಿ ಮಾಡಿಕೊಟ್ಟಿತು, ವಾರಕ್ಕೆ 48 ಗಂಟೆಯ ಮಿತಿಯೊಳಗೆ.

ಅದೇ ವರ್ಷ ರಾಜ್ಯ ಸರ್ಕಾರದ ಗ್ಯಾರಂಟಿ ಯೋಜನೆಗಳೂ ಬಂದವು. ತಿಂಗಳಿಗೆ ಎರಡು ಸಾವಿರದ ಗೃಹಲಕ್ಷ್ಮಿ, ಜೂನ್ 11ರಿಂದ ಹೆಂಗಸರಿಗೆ ಉಚಿತ ಬಸ್ಸಿನ ಶಕ್ತಿ. ಬಿಟ್ಟಿ ಭಾಗ್ಯವೆಂದು ಮೂಗು ಮುರಿಯುವವರಿದ್ದಾರೆ. ಆದರೆ ಈ ಲೇಖನದ ದಾರಿಯಲ್ಲಿ ಬಂದವರಿಗೆ ಬೇರೊಂದು ಸಂಗತಿ ಕಾಣುತ್ತದೆ. ಲಾಟ್ ನಂಬರ್, ಲೈಸೆನ್ಸ್, ಪಿಎಫ್ ಖಾತೆ ಯಾವುದೂ ಕೇಳದೆ ಬೇಸಿನ್ ಮುಂದಿನ ಹೆಂಗಸಿನವರೆಗೆ ತಲುಪಿದ ಹಣ ಇದು. 2024-25ರ ಬಜೆಟ್‌ನಲ್ಲಿ ಐದು ಗ್ಯಾರಂಟಿಗಳಿಗೆ ಇಟ್ಟದ್ದು ಸುಮಾರು 52 ಸಾವಿರ ಕೋಟಿ. ಆ ದುಡ್ಡಿನ ಬಹುಪಾಲು ಹುಟ್ಟುವುದು ಜಗತ್ತಿಗೆ ಸಾಫ್ಟ್‌ವೇರ್ ಮಾರಿ ಬೆಳೆದ ಬೆಂಗಳೂರಿನ ತೆರಿಗೆಯಲ್ಲಿ. ಜಾಗತೀಕರಣ ರಾಮನಗರದಿಂದ ಒಯ್ದದ್ದರಲ್ಲಿ ಒಂದಿಷ್ಟು ಐವತ್ತು ಕಿಲೋಮೀಟರ್ ಸುತ್ತಿ ಹೀಗೆ ವಾಪಸು ಬರುತ್ತದೆ. 2025ರಲ್ಲಿ ಜಿಲ್ಲೆಯ ಹೆಸರೇ ಬೆಂಗಳೂರು ದಕ್ಷಿಣವಾಯಿತು. ಸುತ್ತು ಇನ್ನೂ ಕಡಿಮೆಯಾದೀತೆಂಬ ಆಸೆಯೂ ಆ ಹೆಸರಿನಲ್ಲಿದೆ.

ರೀಲಿಂಗ್ ಘಟಕಗಳಿಗೆ ಈಗ ಆಟೋಮ್ಯಾಟಿಕ್ ಯಂತ್ರಗಳು ಬಂದಿವೆ, ಸರ್ಕಾರದ ಸಬ್ಸಿಡಿಯಲ್ಲಿ. ಚೀನಾದ ನೂಲಿಗೆ ಸಾಟಿಯಾಗುವ ನೂಲು ತೆಗೆಯಲು ತಂದ ಯಂತ್ರಗಳವು; ತಂದದ್ದೂ ಚೀನಾದಿಂದಲೇ. ಒಂದು ಯಂತ್ರ ಹತ್ತಾರು ಬೇಸಿನ್‌ಗಳ ಕೆಲಸ ಮಾಡುತ್ತದೆ. ಬೇಸಿನ್ ಬಿಟ್ಟ ಹೆಂಗಸರಿಗೆ ಬೆಳಗಿನ ಕೆಂಪು ಬಸ್ಸು ಗಾರ್ಮೆಂಟ್ಸ್ ಕಡೆಗೆ ದಾರಿ. ಕಂಡಕ್ಟರ್ ಆಧಾರ್ ನೋಡಿ ಶೂನ್ಯ ದರದ ಟಿಕೆಟ್ ಹರಿದು ಕೊಡುತ್ತಾನೆ. ದುಡ್ಡಿಲ್ಲದಿದ್ದರೂ ಹರಿಯಲೇಬೇಕು, ಆ ಲೆಕ್ಕದ ಮೇಲೆ ಸಾರಿಗೆ ನಿಗಮಕ್ಕೆ ಸರ್ಕಾರದಿಂದ ಹಣ ಬರಬೇಕು. ಕಾರ್ಖಾನೆಯಲ್ಲಿ ಇವರ ಪಕ್ಕದ ಮಷಿನ್‌ನಲ್ಲಿ ಹೊಲಿಯಲು ಒಡಿಶಾ, ಜಾರ್ಖಂಡ್‌ನಿಂದ ಬಂದ ಹುಡುಗಿಯರೂ ಈ ಬಸ್ಸು ಹತ್ತುತ್ತಾರೆ. ಅವರ ಆಧಾರ್‌ನಲ್ಲಿ ಕರ್ನಾಟಕದ ವಿಳಾಸವಿಲ್ಲ. ಅವರು ಪರ್ಸು ಬಿಚ್ಚಿ ಚಿಲ್ಲರೆ ಎಣಿಸುತ್ತಾರೆ.