ಬೆಂಚಿನ ತುದಿಯಲ್ಲಿ ಕೂತವನು

ನಾವು ಆಡುವ ಕಾಲಕ್ಕೆ ಬಾಸ್ಕೆಟ್‌ಬಾಲ್ ಬನಿಯನ್ನಿನ ನಂಬರು 4ಕ್ಕೆ ಶುರುವಾಗಿ 15ಕ್ಕೆ ಮುಗಿಯುತ್ತಿತ್ತು. ನನಗೆ ಕಾಲೇಜಿನ ಮೂರೂ ವರ್ಷ 15. ಹನ್ನೆರಡು ಜನರ ತಂಡದಲ್ಲಿ ನಾನೇ ಹನ್ನೆರಡನೆಯವನು ಎಂದು ಬಾಯಿಬಿಟ್ಟು ಹೇಳಬೇಕಿರಲಿಲ್ಲ, ಬೆನ್ನೇ ಹೇಳುತ್ತಿತ್ತು. ಟೈಮ್‌ಔಟ್ ಆದಾಗ ನೀರಿನ ಬಾಟಲಿ ಹಿಡಿದು ಏಳುವುದು, ಸೀಟಿ ಊದಿದೊಡನೆ ಮತ್ತೆ ಕೂರುವುದು, ಮಿಕ್ಕ ಹೊತ್ತೆಲ್ಲ ನೋಡುವುದು. ಈಗ ಮೈಸೂರಿನ ಒಂದು ಶಾಲೆಯ ಸಿಮೆಂಟು ಅಂಗಳದಲ್ಲಿ ಸಂಜೆ ಹೊತ್ತು ಹುಡುಗರಿಗೆ ಇದೇ ಆಟ ಹೇಳಿಕೊಡುತ್ತೇನೆ. ಹಾಗಾಗಿ ಅಮೆರಿಕದ ಸ್ಟೀವ್ ಕೆರ್ ಎಂಬ ಆಟಗಾರನ ಎರಡು ಅಂಕಿಗಳು ಕಣ್ಣಿಗೆ ಬಿದ್ದಾಗ ದೂರದ ನೆಂಟನೊಬ್ಬ ಸಿಕ್ಕಂತಾಯಿತು. ಅಲ್ಲಿನ ವೃತ್ತಿಪರ ಲೀಗಾದ ಎನ್‌ಬಿಎಯಲ್ಲಿ ಆತ ಆಡಿದ ಪಂದ್ಯಗಳು 910. ಅದರಲ್ಲಿ ಮೊದಲ ಐವರಲ್ಲಿ ಒಬ್ಬನಾಗಿ ಇಳಿದದ್ದು 30.

ಆಟ ಗೊತ್ತಿಲ್ಲದವರಿಗೆ ಒಂದು ಮಾತು. ಬಾಸ್ಕೆಟ್‌ಬಾಲಿನಲ್ಲಿ ಅಂಗಳದ ಮೇಲಿರುವುದು ಐದೇ ಜನ. ಶುರುವಿಗೆ ಇಳಿಯುವ ಆ ಐವರನ್ನು ನಾವು ‘ಫಸ್ಟ್ ಫೈವ್’ ಎನ್ನುತ್ತೇವೆ. ಕ್ರಿಕೆಟ್ಟಿನ ಹನ್ನೆರಡನೆಯ ಆಟಗಾರನಂತೆ ಇಲ್ಲಿನ ಬೆಂಚಿನವರು ಬರೀ ನೀರು ಹೊರುವವರಲ್ಲ. ಕೋಚ್ ಕರೆದಾಗಲೆಲ್ಲ ಒಳಗೆ ಹೋಗಬಹುದು, ಎಷ್ಟು ಸಲ ಬೇಕಾದರೂ. ಆದರೂ ಫಸ್ಟ್ ಫೈವ್ ಎಂದರೆ ಮದುವೆ ಮನೆಯ ಮೊದಲ ಪಂಕ್ತಿ. ಅಲ್ಲಿ ಕೂತವರಿಗೆ ಎರಡನೇ ಪಂಕ್ತಿಯವರ ಹಸಿವು ಗೊತ್ತಾಗುವುದಿಲ್ಲ.

ಕೆರ್ ಹುಟ್ಟಿದ್ದು 1965ರಲ್ಲಿ, ಲೆಬನಾನಿನ ಬೈರೂತ್‌ನಲ್ಲಿ. ತಂದೆ ಮಾಲ್ಕಮ್ ಕೆರ್ ಅರಬ್ ರಾಜಕೀಯದ ವಿದ್ವಾಂಸರು, ಮೇಷ್ಟ್ರು. ಹುಡುಗ ಬೆಳೆದದ್ದು ಒಂದಷ್ಟು ಬೈರೂತ್, ಒಂದಷ್ಟು ಕೈರೋ, ಒಂದಷ್ಟು ಲಾಸ್ ಏಂಜಲಿಸ್. ಎತ್ತರ ಆರಡಿ ಮೂರಂಗುಲ, ಅಂದರೆ ನಮ್ಮ ಬಸ್ಸಿನಲ್ಲಿ ತಲೆ ಬಗ್ಗಿಸಿ ನಿಲ್ಲಬೇಕಾದ ಆಳು, ಎನ್‌ಬಿಎಯಲ್ಲಿ ಕುಳ್ಳ. ಓಟ ನಿಧಾನ, ಜಿಗಿತ ಕಡಿಮೆ. ಹೈಸ್ಕೂಲು ಮುಗಿಸಿದಾಗ ಯಾವ ದೊಡ್ಡ ಕಾಲೇಜೂ ಬಾ ಎನ್ನಲಿಲ್ಲ. ಗೊನ್ಜಾಗ ಎಂಬ ಸಣ್ಣ ವಿಶ್ವವಿದ್ಯಾಲಯದವರು ಕರೆಸಿ, ತಮ್ಮ ತಂಡದ ಹುಡುಗನೊಬ್ಬನ ಎದುರು ಆಡಿಸಿ ನೋಡಿದರು. ಆ ಹುಡುಗ ಇವನನ್ನು ನುಣ್ಣಗೆ ಅರೆದುಬಿಟ್ಟ. ಗೊನ್ಜಾಗದವರಿಗೂ ಬೇಡವಾಯಿತು. ಅರೆದವನ ಹೆಸರು ಜಾನ್ ಸ್ಟಾಕ್ಟನ್. ಈ ಹೆಸರು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ಕೊನೆಗೆ ಅರಿಝೋನಾ ವಿಶ್ವವಿದ್ಯಾಲಯದ ಕೋಚ್ ಲೂಟ್ ಓಲ್ಸನ್ ಜಾಗ ಕೊಟ್ಟರು. ಕೆರ್ ಅಲ್ಲಿ ಮೊದಲ ವರ್ಷ ಓದುತ್ತಿದ್ದಾಗ, 1984ರ ಜನವರಿ 18ರಂದು, ಬೈರೂತ್‌ನ ಅಮೆರಿಕನ್ ವಿಶ್ವವಿದ್ಯಾಲಯದ ಅಧ್ಯಕ್ಷರಾಗಿದ್ದ ತಂದೆಯನ್ನು ಅವರ ಕಚೇರಿಯ ಬಾಗಿಲಲ್ಲೇ ಬಂದೂಕುಧಾರಿಗಳು ಕೊಂದರು. ಮಗನಿಗೆ ಹದಿನೆಂಟು ವರ್ಷ. ಸುದ್ದಿ ಬಂದದ್ದು ಫೋನಿನಲ್ಲಿ. ಎರಡು ದಿನ ಬಿಟ್ಟು ಪಂದ್ಯವಿತ್ತು. ಮೌನಾಚರಣೆಯಲ್ಲಿ ಅತ್ತ ಹುಡುಗ ಆಮೇಲೆ ಬೆಂಚಿನಿಂದ ಎದ್ದು ಒಳಗೆ ಹೋಗಿ ಮೊದಲ ಎಸೆತವನ್ನೇ ಬುಟ್ಟಿಗೆ ಹಾಕಿದ. ನಾಲ್ಕು ವರ್ಷದ ಮೇಲೆ ಎದುರಾಳಿ ಕಾಲೇಜಿನ ಕೆಲವು ಹುಡುಗರು ಗ್ಯಾಲರಿಯಿಂದ ಆ ಸಾವನ್ನೇ ಹಿಡಿದು ಅಣಕಿಸಿದರು. ಅಂದು ಪಂದ್ಯದ ಮೊದಲರ್ಧದಲ್ಲಿ ಆತ ಹೊಡೆದ ಆರು ತ್ರೀ ಪಾಯಿಂಟರುಗಳಲ್ಲಿ ಆರೂ ಬಿದ್ದವು. ಇದನ್ನು ಸಿನಿಮಾದಂತೆ ಹೇಳುವವರಿದ್ದಾರೆ. ನನಗಂತೂ ಓದುವಾಗ ಹೊಟ್ಟೆ ಕಿವುಚಿದಂತಾಗುತ್ತದೆ.

ತ್ರೀ ಪಾಯಿಂಟರ್ ಎಂದರೆ ಕಮಾನಿನಾಕಾರದ ಗೆರೆಯ ಆಚೆಯಿಂದ ಹೊಡೆಯುವ ಚೆಂಡು. ಗೆರೆಯೊಳಗಿಂದ ಹಾಕಿದರೆ ಎರಡು ಅಂಕ, ಆಚೆಯಿಂದ ಮೂರು. ಎನ್‌ಬಿಎಯಲ್ಲಿ ಆ ಗೆರೆ ಎದುರಿನಿಂದ 7.24 ಮೀಟರ್ ದೂರ, ರಿಂಗು ನೆಲದಿಂದ 3.05 ಮೀಟರ್ ಎತ್ತರ. ಅಷ್ಟು ದೂರದಿಂದ ಐದಕ್ಕೆ ಎರಡು ಬಿದ್ದರೆ ಒಳ್ಳೆಯ ಕೈ ಎನ್ನುತ್ತಾರೆ. ಕೆರ್‌ನ ಇಡೀ ಬದುಕಿನ ಲೆಕ್ಕ ನೂರಕ್ಕೆ 45.4. ಎನ್‌ಬಿಎ ಇತಿಹಾಸದಲ್ಲಿ ಇದಕ್ಕಿಂತ ಮೇಲಿನ ಸರಾಸರಿ ಇಲ್ಲ. ಒಂದು ಹಂಗಾಮಿನಲ್ಲಂತೂ 52.4. ಅಭಿಮಾನ ಎಷ್ಟೇ ಇದ್ದರೂ ಒಂದು ಮಾತು ಹೇಳಿಬಿಡಬೇಕು: ಆ ವರ್ಷ, 1994–95ರಲ್ಲಿ, ಲೀಗಿನವರು ಗೆರೆಯನ್ನೇ ಅರ್ಧ ಮೀಟರಿನಷ್ಟು ಹತ್ತಿರಕ್ಕೆ ಎಳೆದಿದ್ದರು. ಮೂರು ವರ್ಷವಾದ ಮೇಲೆ ವಾಪಸು ಹಿಂದಕ್ಕೆ ಸರಿಸಿದರು.

ಇಷ್ಟು ನಿಖರವಾದ ಕೈಯಿದ್ದೂ ಬೆಂಚು ತಪ್ಪಲಿಲ್ಲ. ಎನ್‌ಬಿಎ ತಂಡಗಳು ಹೊಸಬರನ್ನು ಆರಿಸಿಕೊಳ್ಳುವ 1988ರ ಆಯ್ಕೆಯಲ್ಲಿ 50ನೆಯವನಾಗಿ ಫೀನಿಕ್ಸ್ ತಂಡ ಸೇರಿದ. ಅಲ್ಲಿಂದ ಕ್ಲೀವ್‌ಲ್ಯಾಂಡ್, ಒರ್ಲಾಂಡೊ. 1993ರಲ್ಲಿ ಶಿಕಾಗೊ ಬುಲ್ಸ್. ಮುಂದೆ ಅಲ್ಲಿ ಮೈಕೆಲ್ ಜೋರ್ಡಾನ್ ಜೊತೆಯಾದ. 1995ರ ಅಭ್ಯಾಸ ಶಿಬಿರದಲ್ಲಿ ಮಾತಿಗೆ ಮಾತು ಬೆಳೆದು ಜೋರ್ಡಾನ್ ಕಣ್ಣಿಗೇ ಗುದ್ದಿದ. ಕೆರ್‌ನ ಕಣ್ಣು ಕಪ್ಪಾಯಿತು, ಆಮೇಲೆ ಜೋರ್ಡಾನೇ ಫೋನ್ ಮಾಡಿ ಕ್ಷಮೆ ಕೇಳಿದ. ತಿರುಗಿ ನಿಂತವನ ಮೇಲೆ ಅವನಿಗೆ ನಂಬಿಕೆ ಹುಟ್ಟಿತೆನ್ನುತ್ತಾರೆ. ಗುದ್ದಾಡಿ ಗೆಳೆಯರಾಗುವುದು ನಮ್ಮ ಅಂಗಳದಲ್ಲೂ ಉಂಟು. ಆದರೆ ಅದನ್ನು ತರಬೇತಿಯ ವಿಧಾನ ಎಂದು ಹೊಗಳುವ ಕೋಚುಗಳನ್ನು ಕಂಡರೆ ನನಗಾಗದು.

1997ರ ಫೈನಲ್ಸ್‌ನ ಆರನೇ ಪಂದ್ಯ, ಎದುರಾಳಿ ಯೂಟಾ. ಸ್ಕೋರು 86–86, ಉಳಿದದ್ದು ಕೆಲವೇ ಸೆಕೆಂಡು. ಟೈಮ್‌ಔಟ್‌ನಲ್ಲಿ ಬೆಂಚಿನ ಮೇಲೆ ಕೂತ ಜೋರ್ಡಾನ್ ಪಕ್ಕದಲ್ಲಿದ್ದ ಕೆರ್ ಕಡೆ ಬಾಗಿ, ನಿನ್ನನ್ನು ಕಾಯುತ್ತಿರುವವನು ನಿನ್ನನ್ನು ಬಿಟ್ಟು ನನ್ನ ಮೇಲೆ ಬರುತ್ತಾನೆ, ಸಿದ್ಧನಾಗಿರು ಎಂಬಂತೆ ಏನೋ ಹೇಳುವುದು ವಿಡಿಯೊದಲ್ಲಿ ಕಾಣುತ್ತದೆ. ನಾನು ಅದನ್ನು ನೋಡಿದ್ದು ಎಷ್ಟೋ ವರ್ಷದ ಮೇಲೆ, ಮೊಬೈಲಿನಲ್ಲಿ. ಹೇಳಿದಂತೆಯೇ ಆಯಿತು. ಕಾಯುತ್ತಿದ್ದವನು ಜೋರ್ಡಾನ್ ಕಡೆ ನುಗ್ಗಿದ, ಚೆಂಡು ಕೆರ್ ಕೈಗೆ ಬಂತು, ಬುಟ್ಟಿಗೆ ಬಿತ್ತು, ಶಿಕಾಗೊ ಚಾಂಪಿಯನ್ ಆಯಿತು. ಅಂದು ಅವನನ್ನು ಬಿಟ್ಟು ಓಡಿದವನು ಅದೇ ಜಾನ್ ಸ್ಟಾಕ್ಟನ್.

1996ರಿಂದ 1998ರವರೆಗೆ ಶಿಕಾಗೊ ಜೊತೆ ಮೂರು ಪ್ರಶಸ್ತಿ, 1999 ಮತ್ತು 2003ರಲ್ಲಿ ಸಾನ್ ಆಂಟೋನಿಯೊ ಜೊತೆ ಇನ್ನೆರಡು. ಆಮೇಲೆ ನಿವೃತ್ತಿ. ನನಗೆ ಈ ಐದು ಪ್ರಶಸ್ತಿಯ ಉಂಗುರಗಳಿಗಿಂತ ಬೆಲೆಬಾಳುವುದು ಆತ ಕೂತ ಬೆಂಚುಗಳು. ಶಿಕಾಗೊದಲ್ಲಿ ಪಕ್ಕದಲ್ಲಿದ್ದ ಕೋಚ್ ಫಿಲ್ ಜಾಕ್ಸನ್, ಸಾನ್ ಆಂಟೋನಿಯೊದಲ್ಲಿ ಗ್ರೆಗ್ ಪೊಪೊವಿಚ್. ಈ ಆಟದ ಇಬ್ಬರು ದೊಡ್ಡ ಗುರುಗಳು ಸೋಲುವಾಗ ಏನು ಗೊಣಗುತ್ತಾರೆ, ಯಾರನ್ನು ಯಾವಾಗ ಎಬ್ಬಿಸುತ್ತಾರೆ ಎನ್ನುವುದನ್ನು ಮೊಳ ದೂರದಿಂದ ನೋಡಿದವನು ಆತ. ಜೋರ್ಡಾನ್‌ಗೆ ಆ ಪುರುಸೊತ್ತು ಎಲ್ಲಿತ್ತು?

ನೇರವಾಗಿ ಕೋಚ್ ಆದರು ಎಂದುಕೊಳ್ಳಬೇಡಿ. (ಆಟಗಾರನಿಗೆ ಏಕವಚನ, ಕೋಚಿಗೆ ಬಹುವಚನ, ನಮ್ಮ ಅಂಗಳದ ರೂಢಿ ಅದು.) ಟಿವಿಯಲ್ಲಿ ಕಾಮೆಂಟರಿ ಹೇಳಿದರು. 2007ರಿಂದ 2010ರವರೆಗೆ ಫೀನಿಕ್ಸ್ ತಂಡದ ಜನರಲ್ ಮ್ಯಾನೇಜರ್ ಆಗಿದ್ದರು. ವೇಗದ ಆಟಕ್ಕೆ ಹೆಸರಾಗಿದ್ದ ಆ ತಂಡಕ್ಕೆ ವಯಸ್ಸಾಗುತ್ತಿದ್ದ ದೈತ್ಯ ಶಕೀಲ್ ಓನೀಲ್‌ನನ್ನು ತಂದು ಕೂರಿಸಿದರು, ಅದು ಹೊಂದಲಿಲ್ಲ. ಮತ್ತೆ ಕಾಮೆಂಟರಿ. 2014ರ ಮೇ ತಿಂಗಳಲ್ಲಿ ಕ್ಯಾಲಿಫೋರ್ನಿಯಾದ ಗೋಲ್ಡನ್ ಸ್ಟೇಟ್ ವಾರಿಯರ್ಸ್ ಕೋಚ್ ಆಗಿ ಕರೆಯಿತು. ಅದಕ್ಕೂ ಮೊದಲು ಒಂದೇ ಒಂದು ತಂಡಕ್ಕೂ ಅವರು ಕೋಚ್ ಆಗಿರಲಿಲ್ಲ.

ಕೈಗೆ ಬಂದದ್ದೇನೂ ಕೆಟ್ಟ ತಂಡವಲ್ಲ. ಹಿಂದಿನ ವರ್ಷ 51 ಪಂದ್ಯ ಗೆದ್ದಿತ್ತು, ಸ್ಟೀಫನ್ ಕರಿಯಂಥ ಶೂಟರ್ ಇದ್ದ. ಆದರೆ ಚೆಂಡು ಒಬ್ಬರ ಕೈಯಿಂದ ಇನ್ನೊಬ್ಬರಿಗೆ ದಾಟುವುದರಲ್ಲಿ ಇಡೀ ಲೀಗಿಗೇ ಕೊನೆಯ ತಂಡ. ಕೆರ್ ಗುರಿ ಹಾಕಿದರು: ಪಂದ್ಯಕ್ಕೆ 300 ಪಾಸು. ಇದರ ಮರ್ಮ ಸರಳ. ಕಾಯುವವನ ಕಾಲಿಗಿಂತ ಪಾಸಾದ ಚೆಂಡು ವೇಗ. ಚೆಂಡು ಎಡಕ್ಕೆ ಹೋದರೆ ಐವರು ಕಾವಲುಗಾರರೂ ಎಡಕ್ಕೆ ವಾಲುತ್ತಾರೆ. ಅಲ್ಲಿಂದ ತಟ್ಟನೆ ಬಲಕ್ಕೆ ಬಂದರೆ ಅಲ್ಲೊಬ್ಬ ಒಂಟಿಯಾಗಿ ನಿಂತಿರುತ್ತಾನೆ. ಆ ಒಂಟಿಯಾದವನಾಗಿಯೇ ಹದಿನೈದು ವರ್ಷ ಅನ್ನ ತಿಂದವರು ಕೆರ್.

ಇನ್ನು ನನಗೆ ಬಹಳ ಇಷ್ಟವಾದ ಕತೆ. ಆ ತಂಡದಲ್ಲಿ ಆಂಡ್ರೆ ಇಗ್ವಡಾಲ ಎಂಬ ಹಿರಿಯ ಆಟಗಾರನಿದ್ದ. ಅಲ್ಲಿಯವರೆಗೆ ಎನ್‌ಬಿಎಯಲ್ಲಿ ಆಡಿದ್ದು 758 ಪಂದ್ಯ, ಅಷ್ಟರಲ್ಲೂ ಫಸ್ಟ್ ಫೈವ್. ಅವನಿಗೆ ಹೊಸ ಕೋಚ್ ಹೇಳಿದ್ದು: ಇನ್ನು ಮೇಲೆ ನೀನು ಬೆಂಚಿನಿಂದ ಬರಬೇಕು. 758 ಸಲ ಮೊದಲು ಇಳಿದವನಿಗೆ 30 ಸಲ ಮಾತ್ರ ಹಾಗೆ ಇಳಿದವರು ಹೇಳುವ ಮಾತು! ಹೊರಗಿನಿಂದ ನೋಡಿದರೆ ಬಡ್ತಿ ಹೊತ್ತಿಗೆ ಹಿರಿಯ ಅಧಿಕಾರಿಯನ್ನು ಹಿಂದಿನ ಮೇಜಿಗೆ ಕಳಿಸಿದಂತೆ. ಇಗ್ವಡಾಲನಿಗೆ ಸಂತೋಷವಾಗಿರಲಾರದು, ಆದರೂ ಹೋಗಿ ಕೂತ. ಅದನ್ನು ಹೇಳಿದವರು ಬೇರೆ ಯಾರೇ ಆಗಿದ್ದರೂ ಆತ ಹಾಗೆ ಕೂರುತ್ತಿದ್ದನೇ ಎಂಬುದು ನನ್ನ ಅನುಮಾನ. ಬೆಂಚು ಅವಮಾನದ ಜಾಗವಲ್ಲ ಎಂದು ಅದರ ಮೇಲೆ ಬದುಕು ಕಟ್ಟಿಕೊಂಡವರು ಹೇಳಿದರೆ ಆ ಮಾತಿನ ತೂಕವೇ ಬೇರೆ.

ವಾರಿಯರ್ಸ್ 67 ಪಂದ್ಯ ಗೆದ್ದು 2015ರ ಫೈನಲ್ಸ್‌ಗೆ ಬಂತು. ಎದುರು ಲೆಬ್ರಾನ್ ಜೇಮ್ಸ್‌ನ ಕ್ಲೀವ್‌ಲ್ಯಾಂಡ್. ಏಳರಲ್ಲಿ ನಾಲ್ಕು ಗೆಲ್ಲಬೇಕು; ಮೂರು ಮುಗಿದಾಗ ವಾರಿಯರ್ಸ್ 1–2ರಿಂದ ಹಿಂದೆ. ಆ ರಾತ್ರಿ ಕೆರ್ ಅವರ ಸಹಾಯಕ, ಹಳೆಯ ವಿಡಿಯೊ ನೋಡುತ್ತ ಕೂತಿದ್ದ ನಿಕ್ ಯುರೆನ್ ಎಂಬ ಯುವಕನಿಗೆ ಒಂದು ಯೋಚನೆ ಬಂತು. ಏಳಡಿ ಎತ್ತರದ ಆಂಡ್ರೂ ಬೋಗಟ್‌ನನ್ನು ಕೂರಿಸಿ ಇಗ್ವಡಾಲನನ್ನು ಮೊದಲಿಗೇ ಇಳಿಸಿದರೆ ಹೇಗೆ? ಎತ್ತರ ಹೋದರೂ ವೇಗ ಬರುತ್ತದೆ. ಅಪರಾತ್ರಿಯಲ್ಲೇ ವಿಷಯ ಕೆರ್‌ಗೆ ಮುಟ್ಟಿತು. ಪಂದ್ಯದ ದಿನ ಪತ್ರಕರ್ತರು ಕೇಳಿದಾಗ ಕೆರ್ ಫಸ್ಟ್ ಫೈವ್‌ನಲ್ಲಿ ಬದಲಾವಣೆ ಇಲ್ಲ ಎಂದು ಸುಳ್ಳು ಹೇಳಿದರು. ಗೆದ್ದಮೇಲೆ ಸುಳ್ಳು ಹೇಳಿದ್ದು ಹೌದು ಎಂದು ತಾವೇ ಒಪ್ಪಿಕೊಂಡು, ನೈತಿಕತೆ ನೋಡಿ ಟ್ರೋಫಿ ಕೊಡುವುದಿಲ್ಲವಲ್ಲ ಎಂದು ನಕ್ಕರು.

ಆ ಪಂದ್ಯ ನಮಗೆ ಜೂನ್ 12ರ ಬೆಳಿಗ್ಗೆ ಆರೂವರೆಗೆ. ಕಾಫಿ ಲೋಟ ಹಿಡಿದು ಟಿವಿ ಮುಂದೆ ಕೂತಿದ್ದೆ. ಶುರುವಿನಲ್ಲೇ ಕ್ಲೀವ್‌ಲ್ಯಾಂಡ್ 7–0. ಕೆಟ್ಟಿತು ಎಂದುಕೊಂಡೆ. ‘ಏನ್ರೀ ಬೆಳಿಗ್ಗೆ ಬೆಳಿಗ್ಗೆ ಹಣೆ ಚಚ್ಚಿಕೊಳ್ತಿದೀರಿ’ ಎಂದಳು ನನ್ನ ಹೆಂಡತಿ. ಆಮೇಲೆ ಚೆಂಡು ಓಡತೊಡಗಿತು. ದೋಸೆ ಹಂಚಿನಿಂದ ಇಳಿಯುವ ಹೊತ್ತಿಗೆ 103–82, ವಾರಿಯರ್ಸ್‌ಗೆ ಗೆಲುವು. ಅಲ್ಲಿಂದ ಒಂದೂ ಸೋಲದೆ 4–2ರಲ್ಲಿ ಪ್ರಶಸ್ತಿ ಗೆದ್ದರು. ಫೈನಲ್ಸ್‌ನ ಶ್ರೇಷ್ಠ ಆಟಗಾರ ಇಗ್ವಡಾಲ. ಉಪಾಯ ನನ್ನದು ಎಂದು ಕೆರ್ ಹೇಳಿಕೊಳ್ಳಲಿಲ್ಲ, ಯುರೆನ್ ಹೆಸರನ್ನು ಎಲ್ಲರೆದುರು ಹೇಳಿದರು.

ಮುಂದಿನ ವರ್ಷ ಬೆನ್ನಿನ ಶಸ್ತ್ರಚಿಕಿತ್ಸೆಯ ತೊಂದರೆಯಿಂದ ಕೆರ್ ಮೊದಲ 43 ಪಂದ್ಯಗಳಿಗೆ ಬರಲಾಗಲಿಲ್ಲ. ಸಹಾಯಕ ಲ್ಯೂಕ್ ವಾಲ್ಟನ್ ತಂಡ ನೋಡಿಕೊಂಡು 39 ಗೆಲ್ಲಿಸಿದ. ಎನ್‌ಬಿಎ ನಿಯಮದ ಪ್ರಕಾರ ಆ 39 ಗೆಲುವೂ ಕೆರ್ ಲೆಕ್ಕಕ್ಕೇ ಜಮೆ! ತಂಡ 73–9ರ ದಾಖಲೆ ಬರೆಯಿತು, ಫೈನಲ್ಸ್‌ನಲ್ಲಿ 3–1 ಮುಂದಿದ್ದೂ ಸೋತಿತು. 2017, 2018ರಲ್ಲಿ ಮತ್ತೆ ಗೆಲುವು. 2019–20ರಲ್ಲಿ 15–50, ಲೀಗಿಗೇ ಕಡೆ. 2022ರಲ್ಲಿ ನಾಲ್ಕನೇ ಪ್ರಶಸ್ತಿ. ಆ 2022ರ ಮೇ ತಿಂಗಳಲ್ಲೇ ಟೆಕ್ಸಸ್‌ನ ಯುವಾಲ್ಡೆ ಶಾಲೆಯಲ್ಲಿ 19 ಮಕ್ಕಳು, ಇಬ್ಬರು ಶಿಕ್ಷಕಿಯರು ಗುಂಡಿಗೆ ಬಲಿಯಾದ ದಿನ, ಪಂದ್ಯಕ್ಕೆ ಮುಂಚಿನ ಪತ್ರಿಕಾಗೋಷ್ಠಿಯಲ್ಲಿ ಅವರು ಬಾಸ್ಕೆಟ್‌ಬಾಲ್ ಬಗ್ಗೆ ಮಾತಾಡಲು ಒಪ್ಪಲಿಲ್ಲ. ಮೇಜು ಗುದ್ದಿ, ಬಂದೂಕು ಕಾನೂನಿಗೆ ಅಡ್ಡಗಾಲಾದ ಸೆನೆಟರುಗಳನ್ನು ತರಾಟೆಗೆ ತೆಗೆದುಕೊಂಡು ಎದ್ದು ಹೋದರು. ಕೋಚಿಗೆ ಇದೆಲ್ಲ ಯಾಕೆ ಎಂದವರಿದ್ದಾರೆ. ಅವರಿಗೆ ಬೈರೂತ್ ಗೊತ್ತಿರಲಿಕ್ಕಿಲ್ಲ.

2024ರ ಪ್ಯಾರಿಸ್ ಒಲಿಂಪಿಕ್ಸ್‌ನಲ್ಲಿ ಅಮೆರಿಕದ ಕೋಚ್ ಆಗಿದ್ದಾಗ ಜೇಸನ್ ಟೇಟಮ್‌ನಂಥ ಹೆಸರಾಂತ ಆಟಗಾರನನ್ನು ಸರ್ಬಿಯಾ ಎದುರಿನ ಎರಡೂ ಪಂದ್ಯಗಳಲ್ಲಿ ಒಂದು ನಿಮಿಷವೂ ಇಳಿಸಲಿಲ್ಲ. ಊರೆಲ್ಲ ಬೈದರು. ಫ್ರಾನ್ಸ್ ಎದುರು 98–87ರಲ್ಲಿ ಚಿನ್ನ ಬಂತು, ಬೈಗುಳ ಮಾತ್ರ ನಿಲ್ಲಲಿಲ್ಲ. ಟೇಟಮ್ ವಿಷಯದಲ್ಲಿ ನಾನೂ ಬೈದವನೇ. ಬೆಂಚಿನ ಬಿಸಿ ಬಲ್ಲವರೂ ಯಾರನ್ನಾದರೂ ಅಲ್ಲಿ ಕೂರಿಸಲೇಬೇಕಲ್ಲ ಎಂಬುದು ಬೈದು ಮುಗಿದ ಮೇಲೆ ಹೊಳೆಯಿತು.

ಸ್ವಲ್ಪ ಹಿಂದಕ್ಕೆ ಹೋಗಿ ಇನ್ನೊಂದು ಕತೆ. 2018ರ ಫೆಬ್ರವರಿಯಲ್ಲಿ ಫೀನಿಕ್ಸ್ ಎದುರು ಒಂದು ಪಂದ್ಯ. ಆಟಗಾರರಿಗೆ ತಮ್ಮ ದನಿ ಕೇಳಿ ಕೇಳಿ ಸಾಕಾಗಿದೆ ಎನಿಸಿ ಕೆರ್ ಟೈಮ್‌ಔಟ್‌ಗಳಲ್ಲಿ ಆಟದ ನಕ್ಷೆ ಬರೆಯುವ ಬೋರ್ಡು, ಮಾರ್ಕರ್ ಎರಡನ್ನೂ ಆಟಗಾರರ ಕೈಗೇ ಕೊಟ್ಟು ಪಕ್ಕಕ್ಕೆ ನಿಂತರು. ವಾರಿಯರ್ಸ್ 129–83ರಲ್ಲಿ ಗೆದ್ದಿತು. ಎದುರಾಳಿಗೆ ಅಗೌರವ ಎಂದು ಕೆಲವರು ಗೊಣಗಿದರು.

ಬೋರ್ಡು ಕೊಡುವ ಆ ಉಪಾಯವನ್ನು ನಾನು ಕದ್ದೆ. ಒಂದು ಅಂತರಶಾಲಾ ಪಂದ್ಯದಲ್ಲಿ ಹತ್ತು ಅಂಕ ಹಿಂದಿದ್ದಾಗ ಬೋರ್ಡನ್ನು ಬೆಂಚಿನ ತುದಿಯಲ್ಲಿದ್ದ ಹುಡುಗನ ಕೈಗೆ ಕೊಟ್ಟು, ‘ನೀನೇ ಹೇಳು ಮರಿ’ ಎಂದೆ. ಮೊದಲು ನನ್ನ ಮುಖ ನೋಡಿದ. ಆಮೇಲೆ ಮಂಡಿಯೂರಿ, ಐದು ಸೊನ್ನೆ ಬರೆದು, ಬಾಣ ಎಳೆಯುತ್ತ ಹೋದ. ಮೂರು ಪಾಸು, ನಾಲ್ಕನೆಯದು ಬಲ ಮೂಲೆಗೆ. ಆ ಮೂಲೆಯ ಸೊನ್ನೆಯೊಳಗೆ ಸಣ್ಣದಾಗಿ ಒಂದು ನಂಬರು ಬರೆದ: 15.

‘ಅದು ನೀನಲ್ಲವೇನೋ? ನೀನು ಒಳಗೇ ಇಲ್ಲವಲ್ಲ’ ಎಂದೆ.

‘ಹೌದು ಸಾರ್’ ಎಂದು ಬನಿಯನ್ನು ಚಡ್ಡಿಯೊಳಕ್ಕೆ ಸಿಕ್ಕಿಸಿಕೊಂಡು ಎದ್ದು ನಿಂತ.